ಅಯೋನಾದ ಶಿಲುಬೆಯಿಂದ ಒಂದು ಫಲಕ: ಕೆತ್ತನೆ ಎಲ್ಲಿಯವರೆಗೆ ಬಂದಿದೆ

ಮೇ

ಈ ವರ್ಷದ ಕೆಲಸ ಇದು: ಸ್ಕಾಟ್ಲೆಂಡಿನ ಅಯೋನಾ ದ್ವೀಪದ ಸೇಂಟ್ ಮಾರ್ಟಿನ್ ಶಿಲುಬೆಯ ಪೂರ್ವಮುಖವನ್ನು ಆಧಾರವಾಗಿಟ್ಟುಕೊಂಡು ಬಳಪದ ಕಲ್ಲಿನಲ್ಲಿ ಒಂದು ಫಲಕ ಕೆತ್ತುವುದು. ಅಗಲ 20 ಸೆಂ.ಮೀ., ಎತ್ತರ 30 ಸೆಂ.ಮೀ. ನಡುವೆ ಹಾವುಗಳು ಸುತ್ತಿಕೊಂಡ ಒಂದು ಗುಬ್ಬಿ (ಹಕ್ಕಿಯಲ್ಲ, ಕಲ್ಲಿನಿಂದ ಉಬ್ಬಿ ನಿಂತ ದುಂಡು ಗುಬುಟು), ಸುತ್ತಲೂ ಎಳೆಹೆಣಿಗೆ, ಅಂದರೆ ಒಂದರ ಮೇಲೆ ಕೆಳಗೆ ಹಾದುಹೋಗುವ ಎಳೆಗಳ ವಿನ್ಯಾಸ. ಶಿಲುಬೆಯನ್ನು ಯಥಾವತ್ತಾಗಿ ನಕಲು ಮಾಡುವ ಉದ್ದೇಶವಿಲ್ಲ. ಅದನ್ನು ಕೆತ್ತಿದವರು ಹೇಗೆ ಯೋಚಿಸಿರಬಹುದು ಎಂದು ಕೈಯಿಂದಲೇ ತಿಳಿಯಬೇಕು, ಅಷ್ಟೇ.

ಗ್ಲಾಸ್ಗೋದಲ್ಲಿ ನೆಲೆಸಿರುವ ನನಗೆ ಅಯೋನಾ ತೀರಾ ದೂರವಲ್ಲ, ಆದರೆ ಸುಲಭವೂ ಅಲ್ಲ. ರೈಲಿನಲ್ಲಿ ಓಬನ್, ಅಲ್ಲಿಂದ ದೊಡ್ಡ ಹಡಗಿನಲ್ಲಿ ಮಲ್ ದ್ವೀಪ, ಆ ದ್ವೀಪವನ್ನು ಒಂದು ತುದಿಯಿಂದ ಇನ್ನೊಂದು ತುದಿಗೆ ದಾಟುವ ಬಸ್, ಕೊನೆಗೆ ಫಿನ್‌ಫರ್ಟ್‌ನಿಂದ ಹತ್ತು ನಿಮಿಷದ ಸಣ್ಣ ಹಡಗು. ಯಾವುದಾದರೂ ಒಂದು ಕೊಂಡಿ ತಪ್ಪಿದರೆ ಉಳಿದದ್ದೆಲ್ಲ ತಪ್ಪುತ್ತದೆ. ಐದು ಕಿ.ಮೀ. ಉದ್ದದ ಈ ದ್ವೀಪಕ್ಕೆ ಕ್ರಿ.ಶ. 563ರಲ್ಲಿ ಐರ್ಲೆಂಡಿನಿಂದ ಬಂದ ಕ್ರೈಸ್ತ ಸಂನ್ಯಾಸಿ ಕೊಲಂಬಾ ಇಲ್ಲೊಂದು ಮಠ ಕಟ್ಟಿದ. ಆಗ ಸಮುದ್ರವೇ ಹೆದ್ದಾರಿ. ದೋಣಿಯ ಕಾಲದಲ್ಲಿ ಇದು ಮೂಲೆಯಾಗಿರಲಿಲ್ಲ. ರಸ್ತೆಗಳು ಬಂದ ಮೇಲೆ ಮೂಲೆಯಾಯಿತು.

ಜೂನ್, ದ್ವೀಪದಲ್ಲಿ

ಕಲ್ಲಿನ ಮೇಲೆ ಕಾಗದವಿಟ್ಟು ಉಜ್ಜಿ ಅಚ್ಚು ತೆಗೆಯುವ ಕೆಲಸ ನನಗೆ ಬೇಡ. ಕಲ್ಲುಹೂವಿಗೂ ಪೆಟ್ಟು, ಕಲ್ಲಿನ ಮೇಲ್ಪದರಕ್ಕೂ ಪೆಟ್ಟು. ನೋಡಿ ಬರೆಯುವುದೇ ಸರಿ. ಬೆಳಗಿನ ಸೂರ್ಯ ನೇರವಾಗಿ ಎದುರಿಗಿದ್ದಾಗ ಪೂರ್ವಮುಖ ಚಪ್ಪಟೆಯಾಗಿ ಕಾಣುತ್ತದೆ. ಅವನು ದಕ್ಷಿಣಕ್ಕೆ ಸರಿದು ಬೆಳಕು ಓರೆಯಾಗಿ ಬಿದ್ದಾಗ ಮಾತ್ರ ಗುಬ್ಬಿಗಳು ಎದ್ದು ನಿಲ್ಲುತ್ತವೆ, ಹಾವುಗಳಿಗೆ ಮೈ ಬರುತ್ತದೆ. ಮೋಡ ಮುಸುಕಿದರೆ ಪೆನ್ಸಿಲ್ ಎತ್ತಿಟ್ಟು ಕಾಯಬೇಕು. ಆ ಕಾಯುವಿಕೆ ಸಾಕಷ್ಟು ಸಿಕ್ಕಿತು.

ಎಂಟನೆಯ ಶತಮಾನದ ಈ ಶಿಲುಬೆ ಅಂದಿನಿಂದಲೂ ನೆಟ್ಟ ಜಾಗದಲ್ಲಿಯೇ ನಿಂತಿದೆ. ಪಶ್ಚಿಮ ಮುಖದಲ್ಲಿ ಮಗುವನ್ನೆತ್ತಿಕೊಂಡ ಮೇರಿ, ಸಿಂಹಗಳ ನಡುವೆ ದಾನಿಯೇಲ, ಮಗನನ್ನು ಬಲಿ ಕೊಡಲು ಕತ್ತಿ ಎತ್ತಿದ ಅಬ್ರಹಾಮ ಇದ್ದಾರೆ. ಪೂರ್ವಮುಖದಲ್ಲಿ ಕಥೆಯಿಲ್ಲ, ಬರೀ ಗುಬ್ಬಿ ಮತ್ತು ಹಾವು. ಪ್ರವಾಸಿಗರ ಕ್ಯಾಮೆರಾಗಳು ಹೆಚ್ಚಾಗಿ ಕಥೆಯ ಕಡೆಗೆ ತಿರುಗುತ್ತವೆ. ನಾನು ಇನ್ನೊಂದು ಬದಿಯಲ್ಲಿ ನೆಮ್ಮದಿಯಾಗಿದ್ದೆ.

ಆದರೆ ಈ ಪ್ರವಾಸದಲ್ಲಿ ನನ್ನನ್ನು ಹೆಚ್ಚು ಹೊತ್ತು ಹಿಡಿದಿಟ್ಟದ್ದು ಪಕ್ಕದ ಸೇಂಟ್ ಜಾನ್ ಶಿಲುಬೆ. ಹೊರಗೆ ನಿಂತಿರುವುದು 1970ರಲ್ಲಿ ಕಾಂಕ್ರೀಟಿನಲ್ಲಿ ಎರಕ ಹೊಯ್ದ ಪ್ರತಿಕೃತಿ. ಮೂಲದ ತುಂಡುಗಳನ್ನು ಜೋಡಿಸಿ ಮಠದ ಹಿಂದಿನ ಸಂಗ್ರಹಾಲಯದಲ್ಲಿ ಇಟ್ಟಿದ್ದಾರೆ. ಅದರ ತೋಳುಗಳ ಹರವು ಎರಡು ಮೀಟರಿಗೂ ಹೆಚ್ಚು. ಮರದಲ್ಲಾದರೆ ಅಂತಹ ತೋಳು ನಿಲ್ಲುತ್ತದೆ. ಕಲ್ಲಿಗೆ ಬಾಗುವ ಗುಣವಿಲ್ಲ, ಇಷ್ಟು ಹೊರಚಾಚಿದರೆ ಬುಡದಲ್ಲಿ ಸೀಳುತ್ತದೆ, ಮೇಲೆ ಅಟ್ಲಾಂಟಿಕ್ ಗಾಳಿ ಬೇರೆ. ಆರಂಭದಲ್ಲಿ ಈ ಶಿಲುಬೆಗೆ ತೋಳುಗಳನ್ನು ಬಳಸುವ ಉಂಗುರವೇ ಇರಲಿಲ್ಲ, ಶಿಲುಬೆ ಮುರಿದುಬಿದ್ದ ಮೇಲೆ ತೋಳುಗಳಿಗೆ ಆಸರೆಯಾಗಿ ಬೇರೆ ಕಲ್ಲಿನ ನಾಲ್ಕು ಕಮಾನು ತುಂಡುಗಳನ್ನು ಕೂಡಿಸಿದರು ಎಂಬುದು ಪಂಡಿತರ ವಾದ. ಜಗತ್ತೆಲ್ಲ ಇಂದು ಕೆಲ್ಟಿಕ್ ಶಿಲುಬೆ ಎಂದು ಗುರುತಿಸುವ ಆ ಉಂಗುರದ ಆಕಾರ ಕಲ್ಲಿನಲ್ಲಿ ಹುಟ್ಟಿದ್ದು ಹೀಗೆಯೇ ಇರಬಹುದಂತೆ. ಮಾರ್ಟಿನ್ ಶಿಲುಬೆಯನ್ನು ನೋಡಿದರೆ ಪಾಠ ಕಲಿತದ್ದು ತಿಳಿಯುತ್ತದೆ: ಒಂದೇ ಕಲ್ಲು, ಮೊಟಕು ತೋಳು, ಉಂಗುರ ಮೊದಲಿನಿಂದಲೇ ಇದೆ. ತೋಳಿನ ತುದಿಗಳಲ್ಲಿ ಕಚ್ಚು ಕೊರೆದಿದ್ದಾರೆ. ಮರ ಅಥವಾ ಲೋಹದ ತುಂಡು ಸಿಕ್ಕಿಸಿ ಉದ್ದ ಮಾಡುತ್ತಿದ್ದಿರಬೇಕು.

ಉಂಗುರವೆಂದರೆ ಸೂರ್ಯ, ಅನಂತ ಕಾಲ, ಹಳೆಯ ಧರ್ಮದ ನೆನಪು ಎಂದೆಲ್ಲ ಪದಕ ಮಾರುವ ಅಂಗಡಿಗಳ ಚೀಟಿಗಳಲ್ಲಿ ಬರೆದಿರುತ್ತದೆ. ನನಗೆ ಆ ಕಮಾನು ತುಂಡುಗಳನ್ನು ಹೊಂದಿಸಿದ ಕಲ್ಲುಕುಟಿಗನ ತಲೆಬಿಸಿಯೇ ಹೆಚ್ಚು ಪವಿತ್ರವಾಗಿ ಕಂಡಿತು.

ಸಂಗ್ರಹಾಲಯದಲ್ಲಿ ಇನ್ನೊಂದು ಸಂತೋಷ ಕಾದಿತ್ತು. ಜಾನ್ ಶಿಲುಬೆಯ ಕಲ್ಲು ಕ್ಲೋರೈಟ್ ಶಿಸ್ಟ್. ಬೇಲೂರು, ಹಳೇಬೀಡಿನ ಕಲ್ಲೂ ಅದೇ ಬಳಗದ್ದು. ಮೃದು, ಸಣ್ಣ ಕಣ, ಉಳಿಗೆ ಬೇಗ ಒಲಿಯುತ್ತದೆ. ಬಳಪದ ಕಲ್ಲನ್ನು ಆರಿಸಿಕೊಂಡದ್ದಕ್ಕೆ ಈಗ ನನಗೊಂದು ಸಬೂಬು ಸಿಕ್ಕಂತಾಯಿತು.

ಜುಲೈ, ಕಾಗದದ ಮೇಲೆ

ಎಳೆಹೆಣಿಗೆಯನ್ನು ಕಣ್ಣಂದಾಜಿನಲ್ಲಿ ಬಿಡಿಸಿದರೆ ಮೂಲೆ ತಲುಪುವಷ್ಟರಲ್ಲಿ ಕೆಡುತ್ತದೆ. ಇದರ ಲೆಕ್ಕವನ್ನು ಬಿಡಿಸಿ ಸಾಮಾನ್ಯರಿಗೆ ಕಲಿಸಿದವರಲ್ಲಿ ಮುಖ್ಯರು ಜಾರ್ಜ್ ಬೇನ್, ಕರ್ಕಾಲ್ಡಿಯ ಚಿತ್ರಕಲಾ ಶಿಕ್ಷಕರು. ನಾನು ಅನುಸರಿಸುವುದು ಇನ್ನೂ ಸರಳ ದಾರಿ, ಕನ್ನಡದ ಓದುಗರಿಗೆ ಹೇಳಿಕೊಡಬೇಕಾದ್ದೇ ಇಲ್ಲ: ಚುಕ್ಕಿ ರಂಗೋಲಿ. ಚುಕ್ಕಿಗಳನ್ನು ಮುಟ್ಟದೆ ಸುತ್ತಿ ಹೋಗುವ ಎಳೆ, ಅಂಚಿನಲ್ಲಿ ತಿರುಗಿ ಒಳಗೆ ಬರುವುದು, ಎಲ್ಲ ಒಂದೇ.

ಇದರಲ್ಲೊಂದು ಚೆಂದದ ಗಣಿತವಿದೆ. ಅಡ್ಡಕ್ಕೂ ಉದ್ದಕ್ಕೂ ಇರುವ ಚುಕ್ಕಿಗಳ ಸಂಖ್ಯೆಗಳ ಮಹತ್ತಮ ಸಾಮಾನ್ಯ ಅಪವರ್ತನ ಎಷ್ಟೋ, ಹೆಣಿಗೆಯಲ್ಲಿ ಬೇರೆಬೇರೆ ಎಳೆಗಳು ಅಷ್ಟು. 5 ಮತ್ತು 7 ಆದರೆ ಒಂದೇ ಎಳೆ. ನನ್ನ ಫಲಕಕ್ಕೆ ಹೊಂದುವುದು 6 ಮತ್ತು 9, ಅಂದರೆ ಮೂರು ಎಳೆ. ನನಗೆ ಒಂದೇ ಎಳೆ ಬೇಕು. ಅದಕ್ಕೆ ಉಪಾಯ ತಡೆ ಹಾಕುವುದು. ಎರಡು ಚುಕ್ಕಿಗಳ ನಡುವೆ ಎಳೆಗಳು ದಾಟುವಲ್ಲಿ ಒಂದು ಗೋಡೆ ಇಟ್ಟರೆ ಎರಡೂ ದಾಟದೆ ಹಿಂದಿರುಗುತ್ತವೆ. ದಾಟುತ್ತಿದ್ದವು ಬೇರೆಬೇರೆ ಎಳೆಗಳಾಗಿದ್ದರೆ ಅವು ಕೂಡಿ ಒಂದಾಗುತ್ತವೆ. ಒಂದೇ ಎಳೆ ತನ್ನನ್ನು ತಾನೇ ದಾಟುತ್ತಿದ್ದರೆ, ಗೋಡೆ ಅಡ್ಡವೋ ಉದ್ದವೋ ಎಂಬುದರ ಮೇಲೆ ಅದು ಇಬ್ಭಾಗವಾಗುತ್ತದೆ ಅಥವಾ ಒಂದಾಗಿಯೇ ಉಳಿಯುತ್ತದೆ. ಮೂರನ್ನು ಒಂದು ಮಾಡಲು ಎರಡು ತಡೆ ಸಾಕು. ಎಡಬಲ ಸಮನಾಗಿರಬೇಕು, ನಡುವೆ ಗುಬ್ಬಿಗೆ ಜಾಗ ಬಿಡಬೇಕು ಎಂದು ಹೊರಟರೆ ಮಾತ್ರ ಸಂಜೆಗಳು ಕರಗುತ್ತವೆ.

ಮೇಲೆ, ಕೆಳಗೆ, ಮೇಲೆ, ಕೆಳಗೆ ಎಂಬ ಸರದಿ ಎಲ್ಲಿಂದ ಆರಂಭಿಸಿದರೂ ಸರಿಯಾಗಿಯೇ ಮುಗಿಯುತ್ತದೆ. ಇದು ಅದೃಷ್ಟವಲ್ಲ, ಸಾಬೀತಾದ ಪ್ರಮೇಯ. ಎರಡು ಸಲ ಸತತವಾಗಿ ‘ಮೇಲೆ’ ಬಂದರೆ ತಪ್ಪು ಪೆನ್ಸಿಲಿನದೇ.

ಈ ಗಂಟುಗಳ ಅರ್ಥವೇನು ಎಂದು ಮನೆಗೆ ಬಂದವರೆಲ್ಲ ಕೇಳುತ್ತಾರೆ. ಪ್ರೇಮ, ನಿತ್ಯತೆ, ತ್ರಿಯೇಕ ದೇವರು ಎಂದು ಒಂದೊಂದು ಗಂಟಿಗೆ ಒಂದೊಂದು ಅರ್ಥ ಹಚ್ಚುವ ಪಟ್ಟಿಗಳು ಇತ್ತೀಚಿನವು. ಕೆತ್ತಿದ ಕಾಲದವರು ಗಂಟಿನ ಅರ್ಥ ಹೇಳಿ ಬರೆದಿಟ್ಟ ಪಠ್ಯವಿಲ್ಲ. ಹಾವಿನ ಮಾತು ಬೇರೆ. ಪೊರೆ ಬಿಟ್ಟು ಹೊಸದಾಗುವ ಹಾವನ್ನು ಪುನರುತ್ಥಾನದ ಗುರುತಾಗಿ ಕಾಣುವ ರೂಢಿ ಕ್ರೈಸ್ತ ಬರಹಗಳಲ್ಲಿ ಇತ್ತು. ಗಂಟಿನ ವಿಷಯದಲ್ಲಿ ನನ್ನ ಅನುಮಾನ ಇಷ್ಟು: ಆ ಮಠದಲ್ಲಿ ಅಧ್ಯಾತ್ಮ ಆಕೃತಿಯೊಳಗೆ ಅಡಗಿರಲಿಲ್ಲ, ಅದನ್ನು ತಪ್ಪಿಲ್ಲದೆ ಮುಗಿಸುವ ಶಿಸ್ತಿನಲ್ಲಿತ್ತು. ಕೊಲಂಬಾ 597ರಲ್ಲಿ ಸಾಯುವ ಹಿಂದಿನ ದಿನ ಕೀರ್ತನೆಗಳನ್ನು ಪ್ರತಿ ಮಾಡುತ್ತಿದ್ದನೆಂದೂ, ಪುಟದ ಕೊನೆಗೆ ನಿಲ್ಲಿಸಿ, ಮುಂದಿನದನ್ನು ಶಿಷ್ಯ ಬೈಥೀನ್ ಬರೆಯಲಿ ಎಂದನೆಂದೂ ಅವನ ಚರಿತ್ರೆ ಬರೆದ ಮಠಾಧಿಪತಿ ಅಡಮ್ನಾನ್ ಹೇಳುತ್ತಾನೆ. ಸಂತನ ಕೊನೆಯ ದಿನದಲ್ಲಿ ನಕಲು ಬರೆಯುವ ಕೆಲಸಕ್ಕೆ ಅಷ್ಟು ಜಾಗ ಕೊಟ್ಟಿದ್ದಾನೆ! 800ರ ಸುಮಾರಿನ ಕೆಲ್ಸ್ ಗ್ರಂಥದ (ಸುವಾರ್ತೆಗಳ ಚಿತ್ರಾಲಂಕೃತ ಹಸ್ತಪ್ರತಿ) ಕೆಲಸ ಈ ದ್ವೀಪದಲ್ಲಿಯೇ ನಡೆದಿರಬೇಕೆಂದು ಹಲವರು ನಂಬುತ್ತಾರೆ. 795ರಿಂದ ವೈಕಿಂಗರ ದಾಳಿ; 806ರಲ್ಲಿ 68 ಜನರ ಹತ್ಯೆ. ಅಂತಹ ದಿನಗಳಲ್ಲಿಯೂ ಕರುವಿನ ಚರ್ಮದ ಹಾಳೆಯ ಮೇಲೆ ಯಾರೋ ಎಳೆ ತಪ್ಪದಂತೆ ಗೆರೆ ಎಳೆಯುತ್ತಿದ್ದರು.

ಸೆಪ್ಟೆಂಬರ್

ಕಲ್ಲು ಬಂತು. ಬಳಪದ ಕಲ್ಲು ಕೊಳ್ಳುವವರು ಅದರಲ್ಲಿ ಕಲ್ನಾರು ಇಲ್ಲವೆಂದು ಪರೀಕ್ಷಿಸಿದ ಮಾಲನ್ನೇ ಕೇಳಿ ಪಡೆಯಿರಿ. ನಾನು ಒದ್ದೆ ಮಾಡಿಯೇ ಉಜ್ಜುತ್ತೇನೆ, ಮುಖಗವಸು ತೆಗೆಯುವುದಿಲ್ಲ.

ಮೊದಲು ಎಳೆಯ ಎರಡೂ ಅಂಚಿಗೆ ಸಣ್ಣ ಚಾಣದಿಂದ ಓರೆಗೀರು, ಆಮೇಲೆ ನಡುವಿನ ಹಿನ್ನೆಲೆಯನ್ನು 4 ಮಿ.ಮೀ. ಇಳಿಸುವುದು, ಕೊನೆಗೆ ಕೆಳಗೆ ಹೋಗುವ ಎಳೆಯನ್ನು ದಾಟುವ ಜಾಗದಲ್ಲಿ ಮಾತ್ರ ಇಳಿಜಾರು ಮಾಡುವುದು. ಅಲ್ಲಿ 2 ಮಿ.ಮೀ. ಇಳಿಸಿದರೂ ಕಣ್ಣು ಮೋಸಹೋಗುತ್ತದೆ, ಒಂದರ ಕೆಳಗೆ ಇನ್ನೊಂದು ನಿಜವಾಗಿಯೂ ನುಸುಳಿದೆ ಎಂದು ನಂಬುತ್ತದೆ. ಕೊಡತಿಯ ಸದ್ದಿಗೆ ಕೆಳಮನೆಯ ಅಜ್ಜಿ ಹಿತ್ತಲಿಗೆ ಬಂದು ನೋಡಿದರು. ತಮ್ಮ ತಾಯಿಯ ಬಳಿ ಅಯೋನಾದ ಬೆಳ್ಳಿಯ ಬ್ರೋಚ್ ಇತ್ತಂತೆ. ಅಲೆಕ್ಸಾಂಡರ್ ಮತ್ತು ಯೂಫೀಮಿಯಾ ರಿಚಿ ದಂಪತಿ 1899ರಲ್ಲಿ ದ್ವೀಪದಲ್ಲಿ ಆರಂಭಿಸಿದ ‘ಅಯೋನಾ ಕೆಲ್ಟಿಕ್ ಆರ್ಟ್’ನದು ಇರಬಹುದು. ಅಲ್ಲಿನ ಶಿಲುಬೆ, ಗೋರಿಕಲ್ಲುಗಳ ವಿನ್ಯಾಸಗಳನ್ನು ಬೆಳ್ಳಿಗೆ, ಹಿತ್ತಾಳೆಗೆ, ಚರ್ಮಕ್ಕೆ ಇಳಿಸಿ ಮನೆಮನೆಗೆ ತಲುಪಿಸಿದವರು ಅವರು. ಇಬ್ಬರೂ 1941ರಲ್ಲಿ ಕೆಲವೇ ದಿನಗಳ ಅಂತರದಲ್ಲಿ ತೀರಿಕೊಂಡರು. ಮರದ ಕೊಡತಿಗೆ ಚರ್ಮ ಸುತ್ತಿದರೆ ಸದ್ದು ಕಡಿಮೆಯಾಗುತ್ತದೆ ಎಂದು ಅಜ್ಜಿ ಹೇಳಿಹೋದರು. ನಿಜ, ಕಡಿಮೆಯಾಯಿತು.

ಈಗ

ಹೆಣಿಗೆಯ ಮೇಲರ್ಧ ಮುಗಿದಿದೆ, ಕೆಳಗಿನ ಮೂಲೆಗಳು ಗೀರಿನ ಹಂತದಲ್ಲಿವೆ. ನಡುವಿನ ಗುಬ್ಬಿಗೆ ಇನ್ನೂ ಕೈ ಹಚ್ಚಿಲ್ಲ. ಅದು 18 ಮಿ.ಮೀ. ಏಳಬೇಕು, ಹಾವುಗಳು ಅದರ ಬುಡದಿಂದ ಹೊರಟು ಹೆಣಿಗೆಯೊಳಗೆ ಸೇರಬೇಕು. ಅಲ್ಲಿ ಹಾವಿನ ಬಾಲ ಎಳೆಯ ಮೇಲೆ ಹೋಗಬೇಕೋ ಕೆಳಗೋ ಎಂಬುದು ಸರದಿಯ ಲೆಕ್ಕದಿಂದ ಆಗಲೇ ತೀರ್ಮಾನವಾಗಿದೆ: ಎಡಗಡೆಯದು ಮೇಲೆ, ಬಲಗಡೆಯದು ಕೆಳಗೆ. ಕಣ್ಣಿಗೆ ಇದು ಅಷ್ಟು ಹಿತವಾಗಿಲ್ಲ, ಆದರೂ ಬದಲಿಸುವುದಿಲ್ಲ. ದುಂಡುಬಾಯಿಯ ಚಾಣವನ್ನು ಸಾಣೆಗೆ ಕೊಟ್ಟಿದ್ದೇನೆ. ಅದು ಬಂದ ಮೇಲೆ ಗುಬ್ಬಿಯ ಕೆಲಸ ಶುರು.