ಬಾಯ್ಗಾಲಿನ ಜೀವಿಗೆ ಒಂದು ಚೀಟಿ

ನಮ್ಮ ಮನೆ ಹತ್ತಿರದ ಕನ್ನಡ ಶಾಲೆಯ ವಿಜ್ಞಾನದ ಟೀಚರ್ ಜೂನ್ ಕೊನೆಯಲ್ಲಿ ಫೋನ್ ಮಾಡಿದರು. ಲ್ಯಾಬಿನ ಕಪಾಟಿನಲ್ಲಿ 23 ಜಾಡಿಗಳಿವೆ. ಒಂದೊಂದರಲ್ಲೂ ಒಂದೊಂದು ಪ್ರಾಣಿ. ಚೀಟಿಗಳೆಲ್ಲ ಇಂಗ್ಲಿಷಿನಲ್ಲಿವೆ, ಮಕ್ಕಳು ಓದುವುದೇ ಇಲ್ಲ. "ನೀವು ಜುವಾಲಜಿ ಓದಿದವರು, ಕರಡು ತಿದ್ದುವ ಕೆಲಸವನ್ನೂ ಮಾಡ್ತೀರಿ. ಕನ್ನಡದಲ್ಲಿ ಬರೆದುಕೊಡ್ತೀರಾ?" ಅಂದರು. ಖುಷಿಯಿಂದ ಒಪ್ಪಿಕೊಂಡೆ.

22 ಜಾಡಿಗಳು ಎರಡೇ ಸಂಜೆಯಲ್ಲಿ ಮುಗಿದವು. ಜಿಗಣೆ, ಚೇಳು, ನಕ್ಷತ್ರಮೀನು, ಏಡಿ, ಲಾಡಿಹುಳು. ಎಲ್ಲಕ್ಕೂ ನಮ್ಮಲ್ಲಿ ಮಾತಿದೆ. ಉಳಿದದ್ದು ಒಂದು. ಗೇಣುದ್ದಕ್ಕೆ ಸ್ವಲ್ಪ ಕಮ್ಮಿ ಇರುವ, ಫಾರ್ಮಲಿನ್‌ನಲ್ಲಿ ಬಿಳಿಚಿಕೊಂಡ ಜೀವಿ. ಹಳೆಯ ಟೈಪ್‌ರೈಟರ್‌ನಲ್ಲಿ ಹೊಡೆದ ಚೀಟಿಯಲ್ಲಿ 'ಸ್ಕ್ವಿಲ್ಲಾ, ಎ ಸ್ಟೊಮಾಟೊಪಾಡಸ್ ಕ್ರಸ್ಟೇಷಿಯನ್' ಎಂದಿತ್ತು. ಕ್ರಸ್ಟೇಷಿಯನ್ ಅಂದರೆ ಸಿಗಡಿ, ಏಡಿಯಂಥ ಗಟ್ಟಿ ಹೊರಚಿಪ್ಪಿನ ಜೀವಿ; ಅದಕ್ಕೆ ಕಠಿಣಚರ್ಮಿ ಅನ್ನುತ್ತಾರೆ, ಅದು ಸರಿ. ನಡುವಿನ ಆ ವಿಶೇಷಣವನ್ನು ಏನು ಮಾಡುವುದು? ಮೂರು ವಾರ ಅದರ ಜೊತೆಗೇ ಇದ್ದೆ.

ಈ ಪ್ರಾಣಿ ನನಗೆ ಪುಸ್ತಕದಿಂದ ಪರಿಚಯ ಆದದ್ದಲ್ಲ. ನಾನು ಮಲ್ಪೆಯವಳು. ಅಮ್ಮ ದಕ್ಕೆಯಲ್ಲಿ ಮೀನು ವಿಂಗಡಿಸುತ್ತಿದ್ದರು. ಟ್ರಾಲ್ ಬೋಟಿನ ಬಲೆಯಿಂದ ಸುರಿದ ರಾಶಿಯಲ್ಲಿ ಇವು ಬುಟ್ಟಿಗಟ್ಟಲೆ ಇರುತ್ತಿದ್ದವು. ಸಿಗಡಿ ಒಂದು ಕಡೆ, ಬಂಗುಡೆ ಒಂದು ಕಡೆ, ಇವು ಮಾತ್ರ ಗೊಬ್ಬರದ ರಾಶಿಗೆ. ಕರಾವಳಿಯಲ್ಲಿ ಇವನ್ನು ತಿನ್ನುವವರು ಕಡಿಮೆ. ಒಣಗಿಸಿದರೆ ತೆಂಗಿನ ಬುಡಕ್ಕೆ, ಇಲ್ಲದಿದ್ದರೆ ಫಿಶ್ ಮೀಲ್ ಕಾರ್ಖಾನೆಗೆ. ಜಪಾನಿನಲ್ಲಿ ಇದರದೇ ಹತ್ತಿರದ ಸಂಬಂಧಿಯನ್ನು 'ಶಾಕೊ' ಎಂದು ಕರೆದು ಸುಶಿಯ ಮೇಲಿಟ್ಟು ತಿನ್ನುತ್ತಾರೆ, ಇಟಲಿಯಲ್ಲೂ ಪ್ರೀತಿಯಿಂದ ಬೇಯಿಸುತ್ತಾರೆ ಅಂತ ನನಗೆ ಗೊತ್ತಾದದ್ದು ಎಷ್ಟೋ ವರ್ಷದ ಮೇಲೆ.

ಆರೇಳು ವರ್ಷದವಳಿದ್ದಾಗ ಒಂದನ್ನು ಕೈಯಲ್ಲಿ ಎತ್ತಿದ್ದೆ. ಬಾಲದ ಮುಳ್ಳು ಹೆಬ್ಬೆರಳಿಗೆ ಆಳಕ್ಕೆ ಚುಚ್ಚಿತು. ಅಮ್ಮ ಬೆರಳನ್ನು ಉಪ್ಪುನೀರಲ್ಲಿ ಅದ್ದಿ, "ಅವು ಎಟ್ಟಿ ಅತ್ತ್" ಅಂದರು. ತುಳುವಿನಲ್ಲಿ ಎಟ್ಟಿ ಅಂದರೆ ಸಿಗಡಿ. ಅದು ಸಿಗಡಿ ಅಲ್ಲ ಮಗಾ, ಅಂತ. ಬಿ.ಎಸ್ಸಿ. ಓದುವಾಗ ಪ್ರಾಣಿ ವರ್ಗೀಕರಣದ ಪಾಠದಲ್ಲಿ ಅದೇ ಮಾತು ಮತ್ತೆ ಸಿಕ್ಕಿತು. ಅಮ್ಮ ಹೇಳಿದ್ದು ನೂರಕ್ಕೆ ನೂರು ನಿಜವಾಗಿತ್ತು.

ಇಂಗ್ಲಿಷಿನಲ್ಲಿ ಇದಕ್ಕೆ 'ಮ್ಯಾಂಟಿಸ್ ಶ್ರಿಂಪ್' ಎಂದು ಹೆಸರು. ಮ್ಯಾಂಟಿಸ್ ಅಂದರೆ ನಾವು ಸೂರ್ಯನ ಕುದುರೆ ಎನ್ನುವ ಕೀಟ. ಮೂಲ ಗ್ರೀಕಿನಲ್ಲಿ ಆ ಪದಕ್ಕೆ ಕಣಿ ಹೇಳುವವನು ಎಂಬ ಅರ್ಥ. ಮುಂಗಾಲನ್ನು ಎದೆಯ ಮುಂದೆ ಮಡಚಿ ನಿಲ್ಲುವ ಭಂಗಿ ಎರಡಕ್ಕೂ ಒಂದೇ, ಹಾಗಾಗಿ ಆ ಹೆಸರು ಬಂತು. ಆದರೆ ಇದು ಆ ಕೀಟವೂ ಅಲ್ಲ, ಸಿಗಡಿಯೂ ಅಲ್ಲ. ಹೆಸರಿನ ಎರಡು ಪದಗಳೂ ಹೋಲಿಕೆ ಮಾತ್ರ. ಇದರ ಬಗ್ಗೆ ನಿಜ ಹೇಳುವುದು ಜಾಡಿಯ ಮೇಲಿದ್ದ ಆ ಕಷ್ಟದ ವಿಶೇಷಣವೇ.

ಪದ ಒಡೆದು ನೋಡೋಣ. ಗ್ರೀಕಿನಲ್ಲಿ 'ಸ್ಟೊಮಾ' ಅಂದರೆ ಬಾಯಿ. ಅದಕ್ಕೆ ಬೇರೆ ಪದ ಸೇರುವಾಗ 'ಸ್ಟೊಮಾಟೊ' ಆಗುತ್ತದೆ. 'ಪೊಡ್' ಅಂದರೆ ಕಾಲು. ನಮ್ಮ ಪದ, ಪಾದಗಳಿಗೂ ಅದಕ್ಕೂ ಬೇರು ಒಂದೇ. ಫ್ರಾನ್ಸಿನ ಪ್ರಾಣಿಶಾಸ್ತ್ರಜ್ಞ ಲಾಟ್ರೇಲ್ 1817ರಲ್ಲಿ ಈ ಗಣಕ್ಕೆ ಸ್ಟೊಮಾಟೊಪೊಡಾ ಎಂದು ಹೆಸರಿಟ್ಟರು. ಅದರಿಂದ ಹುಟ್ಟಿದ ವಿಶೇಷಣ ಸ್ಟೊಮಾಟೊಪಾಡಸ್. ಕೊನೆಯ 'ಅಸ್' ಅನ್ನುವುದು ಹಳೆಯ ಕಾಲದ ಬರವಣಿಗೆಯ ರೂಢಿ. ಈಗಿನವರು ಅದನ್ನು ಬಿಟ್ಟು ಸುಮ್ನೆ 'ಸ್ಟೊಮಾಟೊಪಾಡ್ ಕಣ್ಣು', 'ಸ್ಟೊಮಾಟೊಪಾಡ್ ಮರಿ' ಎಂದೇ ಬರೆಯುತ್ತಾರೆ. ನಾಮಪದವೇ ವಿಶೇಷಣದ ಕೆಲಸವನ್ನೂ ಮಾಡುತ್ತದೆ.

ಬಾಯಿ, ಕಾಲು. ಯಾಕೆ ಹಾಗೆ? ಇದಕ್ಕೆ ಉತ್ತರ ಒಂದು ಸಣ್ಣ ಲೆಕ್ಕದಲ್ಲಿದೆ. ನನಗೆ ಈ ಇಡೀ ವಿಷಯದಲ್ಲಿ ತುಂಬ ಇಷ್ಟವಾಗುವುದು ಅದೇ.

ಸಿಗಡಿ ಮತ್ತು ಏಡಿಗೆ ಎದೆಯ ಭಾಗದಲ್ಲಿ 8 ಜೊತೆ ಅಂಗಗಳಿವೆ. ಅದರಲ್ಲಿ 3 ಜೊತೆ ಬಾಯಿಯ ಸೇವೆಗೆ ಹೋಗಿವೆ, ಉಳಿದ 5 ಜೊತೆ ಕಾಲಾಗಿವೆ. ಐದೆರಡ್ಲಿ ಹತ್ತು. ಅದಕ್ಕೇ ಅವು ಡೆಕಾಪಾಡ್, ಹತ್ತು ಕಾಲಿನವು. ಸ್ಕ್ವಿಲ್ಲಾಕ್ಕೂ ಎದೆಯಲ್ಲಿ ಅದೇ 8 ಜೊತೆ. ಆದರೆ ಹಂಚಿಕೆ ತಿರುವುಮುರುವು. ಮುಂದಿನ 5 ಜೊತೆ ಬಾಯಿಯ ಕಡೆ ಸರಿದು ಆಹಾರ ಹಿಡಿಯುತ್ತವೆ, ಮೈ ಶುಚಿ ಮಾಡುತ್ತವೆ, ಹೆಣ್ಣಿನಲ್ಲಿ ಮೊಟ್ಟೆಯನ್ನೂ ಹೊರುತ್ತವೆ. ನಡೆಯುವುದಕ್ಕೆ ಉಳಿಯುವುದು ಹಿಂದಿನ 3 ಜೊತೆ ತೆಳ್ಳನೆಯ ಕಾಲು ಮಾತ್ರ. ಒಂದೇ ಆಸ್ತಿ, ಇಬ್ಬರು ಬೇರೆ ಬೇರೆ ಥರ ಪಾಲು ಮಾಡಿಕೊಂಡ ಹಾಗೆ. ಇಬ್ಬರ ದಾರಿ ಬೇರೆಯಾಗಿ ಸುಮಾರು 40 ಕೋಟಿ ವರ್ಷ ಆಯಿತು.

ಬಾಯಿಯ ಕಡೆಗೆ ಹೋದ ಆ ಐದರಲ್ಲಿ ಎರಡನೆಯ ಜೊತೆಯೇ ಎದೆಯ ಮುಂದೆ ಮಡಚಿಡುವ ಆ ಪ್ರಸಿದ್ಧ ಆಯುಧ. ಸ್ಟೊಮಾಟೊಪಾಡ್‌ಗಳಲ್ಲಿ 450ಕ್ಕೂ ಜಾಸ್ತಿ ಜಾತಿಗಳಿವೆ. ಆಯುಧ ನೋಡಿ ಅವನ್ನು ಸ್ಥೂಲವಾಗಿ ಎರಡು ಗುಂಪು ಮಾಡುತ್ತಾರೆ. ಒಂದು ಇರಿಯುವವು, ಇನ್ನೊಂದು ಗುದ್ದುವವು. ಮಲ್ಪೆ, ಮಂಗಳೂರಿನ ಬೋಟುಗಳಿಗೆ ಸಿಗುವುದು ಇರಿಯುವ ಜಾತಿ. ಕೆಸರು ತಳದಲ್ಲಿ ಬಿಲ ತೋಡಿಕೊಂಡು ಕಾಯುತ್ತದೆ, ಹತ್ತಿರ ಬಂದ ಮೀನಿಗೆ ಹಲ್ಲುಹಲ್ಲಾದ ಕತ್ತಿಯಂಥ ಕಾಲು ಬೀಸುತ್ತದೆ. ಹವಳದ ಬಂಡೆಯ ಸಂದಿಯಲ್ಲಿರುವ ನವಿಲು ಬಣ್ಣದ ಜಾತಿ ಗುದ್ದುವುದು. ಜೀವವಿಜ್ಞಾನಿ ಶೀಲಾ ಪಾಟೆಕ್ ಮತ್ತು ಅವರ ಜೊತೆಗಾರರು 2004ರಲ್ಲಿ ಅದರ ಗುದ್ದನ್ನು ವೇಗದ ಕ್ಯಾಮೆರಾದಲ್ಲಿ ಹಿಡಿದರು. ಸೆಕೆಂಡಿಗೆ 23 ಮೀಟರ್ ವೇಗ, ಅದೂ ನೀರಿನೊಳಗೆ! ಅಷ್ಟು ವೇಗಕ್ಕೆ ನೀರಿನಲ್ಲಿ ಆವಿಯ ಗುಳ್ಳೆ ಹುಟ್ಟಿ ಒಡೆಯುತ್ತದೆ. ಬಸವನಹುಳದ ಚಿಪ್ಪಿಗೆ ಕಾಲಿನ ಏಟು ಒಂದು, ಗುಳ್ಳೆಯ ಏಟು ಇನ್ನೊಂದು.

ಇಷ್ಟೆಲ್ಲ ಮಾಡುವುದು ಒಂದು 'ಬಾಯಿಕಾಲು'. ಆ ವಿಶೇಷಣ ಎಷ್ಟು ಸರಿಯಾದ ಜಾಗಕ್ಕೆ ಬೆರಳಿಟ್ಟಿದೆ ಅಲ್ವಾ?

ಇಲ್ಲಿ ಒಂದು ಎಚ್ಚರಿಕೆ ಹೇಳಲೇಬೇಕು, ಯಾಕೆಂದರೆ ನಾನು ಕರಡು ತಿದ್ದುವಾಗ ಈ ತಪ್ಪನ್ನು ನೋಡಿದ್ದೇನೆ. ಒಂದು ಲೇಖನದಲ್ಲಿ ನವಿಲು ಬಣ್ಣದ ಆ ಗುದ್ದುವ ಜಾತಿಯ ಚಿತ್ರವಿತ್ತು. ಕೆಳಗೆ 'ಸ್ಕ್ವಿಲ್ಲಿಡ್ ಜೀವಿ' ಎಂದು ಬರೆದಿದ್ದರು. ಸ್ಕ್ವಿಲ್ಲಿಡ್ ಅಂದರೆ ಸ್ಕ್ವಿಲ್ಲಿಡೇ ಎಂಬ ಒಂದು ಕುಟುಂಬದ್ದು. ಸ್ಕ್ವಿಲ್ಲಾಯ್ಡ್ ಅಂದರೆ ಅದಕ್ಕಿಂತ ದೊಡ್ಡದಾದ ಸ್ಕ್ವಿಲ್ಲಾಯ್ಡಿಯಾ ಎಂಬ ಮೇಲ್ಕುಟುಂಬದ್ದು. ಈಗ ಬದುಕಿರುವ ಸ್ಟೊಮಾಟೊಪಾಡ್‌ಗಳಲ್ಲಿ ಅಂಥ 7 ಮೇಲ್ಕುಟುಂಬಗಳಿವೆ. ನವಿಲು ಬಣ್ಣದ್ದು ಇರುವುದು ಗೊನೊಡ್ಯಾಕ್ಟಿಲಾಯ್ಡಿಯಾದಲ್ಲಿ. ಅದನ್ನು ಸ್ಕ್ವಿಲ್ಲಿಡ್ ಅಂದರೆ ದೊಡ್ಡಪ್ಪನ ಮಗನಿಗೆ ಪಕ್ಕದೂರಿನವರ ಮನೆತನದ ಹೆಸರು ಕೊಟ್ಟ ಹಾಗೆ. ಎಲ್ಲವನ್ನೂ ಒಳಗೊಳ್ಳುವ ಮಾತು ಸ್ಟೊಮಾಟೊಪಾಡ್ ಒಂದೇ. ನಮ್ಮ ಮಲ್ಪೆಯ ಜೀವಿಗೆ ಮಾತ್ರ ಮೂರು ವಿಶೇಷಣವೂ ಸಲ್ಲುತ್ತವೆ.

ಮಲ್ಪೆಯ ಬಲೆಗೆ ಜಾಸ್ತಿ ಬೀಳುವ ಜಾತಿಯ ಹೆಸರಿನಲ್ಲಿ 'ನೇಪಾ' ಎಂದಿದೆ. ಲ್ಯಾಟಿನಿನಲ್ಲಿ ನೇಪಾ ಅಂದರೆ ಚೇಳು. ಹೆಬ್ಬೆರಳಿಗೆ ಚುಚ್ಚಿಸಿಕೊಂಡ ನನಗೆ ಅದು ಬಹಳ ಸರಿ ಅನ್ನಿಸುತ್ತದೆ.

ಇನ್ನು ಕನ್ನಡ. ಮೊದಲು ಹೊಳೆದದ್ದು 'ಮುಖಪದಿ'. ಕೀಲುಗಾಲಿನ ಜೀವಿಗಳಿಗೆ ಸಂಧಿಪದಿ ಎಂಬ ಮಾತು ಪಠ್ಯಪುಸ್ತಕದಲ್ಲಿ ಆಗಲೇ ಇದೆ, ಅದೇ ಜಾಡಿನಲ್ಲಿ ಇದೂ ಕೂರುತ್ತದೆ ಅಂದುಕೊಂಡೆ. ಸಂಸ್ಕೃತದಲ್ಲಿ ಮುಖ ಅಂದರೆ ಬಾಯಿಯೂ ಹೌದು. ಆದರೆ ಕನ್ನಡದ ಮಗುವಿಗೆ ಮುಖ ಅಂದರೆ ಮುಖ, ಕನ್ನಡಿಯಲ್ಲಿ ಕಾಣುವಂಥದ್ದು. ಇಡೀ ಪದದ ಪ್ರಾಣ ಇರುವುದೇ ಬಾಯಿಯಲ್ಲಿ. ಅದನ್ನು ಕಳೆದುಕೊಳ್ಳಲು ಮನಸ್ಸು ಬರಲಿಲ್ಲ. 'ಬಾಯ್‌ಪದಿ' ಅಂದರೆ ಕನ್ನಡಕ್ಕೆ ಸಂಸ್ಕೃತ ಅಂಟಿಸಿದ ಅರಿಸಮಾಸ, ಕಿವಿಗೂ ಚೆನ್ನಾಗಿಲ್ಲ.

ಆಗ ಹೈಸ್ಕೂಲಿನ ವ್ಯಾಕರಣ ನೆನಪಾಯಿತು. ಬಹುವ್ರೀಹಿ ಸಮಾಸಕ್ಕೆ ನಮ್ಮ ಮೇಷ್ಟ್ರು ಹೇಳಿಸುತ್ತಿದ್ದ ಉದಾಹರಣೆ: ಹಣೆಯಲ್ಲಿ ಕಣ್ಣುಳ್ಳವನು ಯಾರೋ ಅವನು ಹಣೆಗಣ್ಣ. ನಾವೆಲ್ಲ ರಾಗವಾಗಿ ಹೇಳುತ್ತಿದ್ದೆವು. ಸ್ಟೊಮಾಟೊಪಾಡ್ ಅನ್ನುವುದೂ ಅದೇ ಕಟ್ಟಡ! ಬಾಯಲ್ಲಿ ಕಾಲುಳ್ಳದ್ದು ಯಾವುದೋ ಅದು. ಬಾಯಿಗೆ ಕಾಲು ಸೇರಿದರೆ ಆದೇಶ ಸಂಧಿಯಲ್ಲಿ ಕಕಾರ ಗಕಾರವಾಗಿ ಬಾಯ್ಗಾಲು. ಅದಿರುವುದು ಬಾಯ್ಗಾಲಿ. ಆ ರಾತ್ರಿ ನಿದ್ದೆ ಬಾರದಷ್ಟು ಸಂತೋಷ ಆಯಿತು. ಮಲಗಿಕೊಂಡೇ ಬೇರೆಯವನ್ನೂ ಕಟ್ಟಿದೆ. ಡೆಕಾಪಾಡ್‌ಗೆ ಹತ್ತುಗಾಲಿ. ಕೋಪೆಪಾಡ್ ಅಂದರೆ ದೋಣಿಯ ಹುಟ್ಟಿನಂಥ ಕಾಲಿನದ್ದು, ಅದು ಹುಟ್ಟುಗಾಲಿ.

ಮರುದಿನ ಚೀಟಿ ಬರೆದುಕೊಂಡು ಶಾಲೆಗೆ ಹೋದೆ. 'ಸ್ಕ್ವಿಲ್ಲಾ, ಬಾಯ್ಗಾಲಿ ಕಠಿಣಚರ್ಮಿ.' ಏಳನೆಯ ತರಗತಿಯ ಹುಡುಗಿಯೊಬ್ಬಳು ಜೋರಾಗಿ ಓದಿದಳು. ಜಾಡಿಯನ್ನು ಸುತ್ತ ತಿರುಗಿಸಿ ನೋಡಿದಳು. ಆಮೇಲೆ ಕೇಳಿದಳು, "ಮಿಸ್, ಇದರ ಬಾಯಲ್ಲಿ ಗಾಲಿ ಎಲ್ಲಿದೆ?"

ಗಾಲಿ. ಚಕ್ರ. ಮೂರು ವಾರ ತಲೆಯಲ್ಲಿ ತಿರುಗಿದ ಪದದೊಳಗೆ ಗಾಡಿಯ ಗಾಲಿ ಕೂತಿದ್ದು ನನಗೆ ಕಂಡಿರಲಿಲ್ಲ. ಅವಳು ಓದಿದ್ದರಲ್ಲಿ ಏನೂ ತಪ್ಪಿಲ್ಲ. ಅವಳಿಗೆ ಗೊತ್ತಿರುವ ಕನ್ನಡ ಅವಳಿಗೆ ಸರಿಯಾದ ಅರ್ಥವನ್ನೇ ಕೊಟ್ಟಿತ್ತು.

ಬಾಯಲ್ಲಿ ಗಾಲಿ ಇಲ್ಲ ಪುಟ್ಟಾ, ಅಂತ ಅವಳನ್ನು ಪಕ್ಕದಲ್ಲಿ ಕೂರಿಸಿಕೊಂಡು ಒಂದು ನಿಜ ಸಂಗತಿ ಹೇಳಿದೆ. ಈ ಬಳಗದಲ್ಲಿ ತಾನೇ ಗಾಲಿಯಾಗುವ ಒಂದು ಜೀವಿ ಇದೆ. ಹೆಸರು ನ್ಯಾನೋಸ್ಕ್ವಿಲ್ಲಾ ಡೆಸೆಮ್‌ಸ್ಪೈನೋಸಾ. ಮಧ್ಯ ಅಮೆರಿಕದ ಪೆಸಿಫಿಕ್ ದಡದ ಮರಳಲ್ಲಿ ಇರುತ್ತದೆ. ಉದ್ದ ಎರಡೂವರೆ ಸೆಂಟಿಮೀಟರ್‌ನಷ್ಟು. ಮೈ ಉದ್ದ, ಕಾಲು ಮೋಟು. ಅಲೆ ದಡಕ್ಕೆ ಎಸೆದರೆ ಅದಕ್ಕೆ ನಡೆಯಲು ಆಗುವುದಿಲ್ಲ. ಆಗ ಬೆನ್ನಿನ ಮೇಲೆ ಬಿದ್ದುಕೊಂಡು, ಬಾಲವನ್ನು ತಲೆಯ ಮೇಲೆ ಎತ್ತಿ ಹಾಕಿ, ಹಿಂದುಹಿಂದಕ್ಕೆ ಲಾಗ ಹೊಡೆಯುತ್ತದೆ. ಒಂದೇ ಸಲಕ್ಕೆ 20ರಿಂದ 40 ಲಾಗ. ಹೀಗೆ ಉರುಳಿ ಉರುಳಿ ಸಮುದ್ರದ ಕಡೆ ಒಂದೆರಡು ಮೀಟರ್ ಹೋಗುತ್ತದೆ. ರಾಯ್ ಕಾಲ್ಡ್‌ವೆಲ್ ಎಂಬ ವಿಜ್ಞಾನಿ 1979ರಲ್ಲಿ ಇದರ ಬಗ್ಗೆ ಬರೆದರು. ಬಾಯಿಗೆ ಐದು ಜೊತೆ ಕೊಟ್ಟು ನಡಿಗೆಗೆ ಮೂರೇ ಉಳಿಸಿಕೊಂಡ ಲೆಕ್ಕ ಆ ದಡದ ಮೇಲೆ ಕಣ್ಣಿಗೆ ಕಾಣುತ್ತದೆ.

ಹುಡುಗಿ ನೆಲದ ಮೇಲೆ ಬೆರಳಲ್ಲಿ ಉರುಳಿಸಿ ತೋರಿಸಿದಳು. "ಹೀಗಾ?" ಹಾಗೇ, ಅಂದೆ.

ಚೀಟಿ ಬದಲಾಯಿಸಿದೆ. ಈಗ ಅದರಲ್ಲಿ ಇರುವುದು ಹೀಗೆ: 'ಸ್ಕ್ವಿಲ್ಲಾ. ಬಾಯ್ಗಾಲಿನ ಕಠಿಣಚರ್ಮಿ. ಎದೆಯ 8 ಜೊತೆ ಕಾಲುಗಳಲ್ಲಿ 5 ಜೊತೆ ಬಾಯಿಗೆ, 3 ಜೊತೆ ನಡಿಗೆಗೆ. ಸಿಗಡಿ ಅಲ್ಲ.' ಒಂದು 'ನ' ಸೇರಿಸಿದ್ದೇ, ಗಾಲಿ ಹೋಗಿ ಕಾಲು ಬಂತು. ಷಷ್ಠಿಯ ಈ ಸಾದಾ ರೂಪ ಕನ್ನಡದಲ್ಲಿ ಎಷ್ಟು ಕೆಲಸ ಮಾಡುತ್ತದೆ ನೋಡಿ. ಬಾಯ್ಗಾಲಿನ ಕಣ್ಣು ಅಂದರೆ ಮಾತ್ರ ಕಾಲಿಗೇ ಕಣ್ಣು ಅನ್ನಿಸಿಬಿಡುತ್ತದೆ. ಹಾಗೆ ಬರುವ ಕಡೆ 'ಬಾಯ್ಗಾಲಿನ ಜೀವಿಗಳ ಕಣ್ಣು' ಎಂದು ಬಿಡಿಸಿ ಬರೆಯಬೇಕು. ಸ್ವಲ್ಪ ಉದ್ದವಾಗುತ್ತದೆ, ಆಗಲಿ. ಚೀಟಿಯ ಕೊನೆಯ ಎರಡು ಪದ ಅಮ್ಮನದು.

ಜಾಡಿಯಲ್ಲಿರುವ ಜೀವಿಯ ಬಾಯ್ಗಾಲುಗಳು ಎಷ್ಟೋ ಉದುರಿಹೋಗಿವೆ. ಚೀಟಿ ಓದಿ ಎಣಿಸಿದರೆ ಮಕ್ಕಳಿಗೆ ಲೆಕ್ಕ ಸಿಗುವುದಿಲ್ಲ. ಅಣ್ಣನಿಗೆ ಫೋನ್ ಮಾಡಿದೆ. ಅವನ ಬೋಟು ಮಳೆಗಾಲದ ರಜೆಯಲ್ಲಿತ್ತು, ಜುಲೈ 31ರವರೆಗೆ ಕಡಲಿಗೆ ಇಳಿಯುವ ಹಾಗಿಲ್ಲ. ಮೊದಲ ಬಲೆಯಲ್ಲಿ ಬಂದದ್ದರಲ್ಲಿ ಒಂದನ್ನು, ಕಾಲು ಮುರಿಯದ ಹಾಗೆ, ಐಸಿನಲ್ಲಿ ಇಟ್ಟುಕೊಡು ಅಂದೆ. ಗೊಬ್ಬರದ ರಾಶಿಗೆ ಹೋಗುವುದಕ್ಕೆ ಐಸಾ ಅಂತ ಅವನು ಕೇಳಲಿಲ್ಲ. "ಎಷ್ಟು ಜೊತೆ ಇರಬೇಕು ಹೇಳು, ಎಣಿಸಿ ಇಡ್ತೇನೆ" ಅಂದ.