‘ನಿಮಗ ನೋಟಿಸ್ ಬಂದಿತ್ತೇನ್ರಿ?’

ಹೈಕೋರ್ಟಿನ ಧಾರವಾಡ ಪೀಠ ಇರುವುದು ಊರ ಹೊರಗೆ, ಬೇಲೂರು ಅನ್ನೋ ಹಳ್ಳಿಯ ಹತ್ತಿರ, ಹೆದ್ದಾರಿ ಪಕ್ಕದಲ್ಲಿ. ನಾವು ಬಸ್ ಇಳಿದಾಗ ಇನ್ನೂ ಒಂಬತ್ತೂವರೆ. ಅವ್ವ ಒಂದು ನೋಟ್‌ಬುಕ್ಕನ್ನು ಸೆರಗಿನಲ್ಲಿ ಸುತ್ತಿ ಎದೆಗೆ ಒತ್ತಿ ಹಿಡಿದಿದ್ದಳು. ನಾಲ್ಕು ತಿಂಗಳಿಂದ ಅದನ್ನು ಯಾರ ಕೈಗೂ ಬಿಟ್ಟಿರಲಿಲ್ಲ.

ಅಪ್ಪ ಹೋದ ಮೇಲೆ ಊರಿನ ರೇಷನ್ ಅಂಗಡಿ ಅವ್ವನ ಹೆಸರಿಗೆ ಬಂದಿತ್ತು. ಕಾಗದದಲ್ಲಿ ಅದು ನ್ಯಾಯಬೆಲೆ ಅಂಗಡಿ. ಒಂದು ತಿಂಗಳು ಸರ್ವರ್ ಬಹಳ ಕಾಡಿತು. ಸರ್ವರ್ ಬಂದಾಗಲೂ ಕೆಲವು ವಯಸ್ಸಾದವರ ಬೆರಳು ಬೆರಳಚ್ಚಿನ ಯಂತ್ರಕ್ಕೆ ಹತ್ತುತ್ತಿರಲಿಲ್ಲ. ಹೊಲದಲ್ಲಿ ದುಡಿದು ಗೆರೆ ಸವೆದ ಬೆರಳುಗಳು. ಮೂರು ದಿನ ಬಂದರು, ಮೂರು ದಿನವೂ ಖಾಲಿ ಚೀಲ ಹಿಡಿದು ಹೋದರು. ನಾಲ್ಕನೇ ದಿನ ಅವ್ವ ಐದು ಅಂತ್ಯೋದಯ ಕಾರ್ಡಿನವರಿಗೆ ತಲಾ 35 ಕೆಜಿ ಧಾನ್ಯ ತೂಗಿ ಕೊಟ್ಟಳು. ನೋಟ್‌ಬುಕ್ಕಿನಲ್ಲಿ ಬರೆದು ಹೆಬ್ಬೆಟ್ಟು ಒತ್ತಿಸಿಕೊಂಡಳು. ಯಂತ್ರ ಸರಿಹೋದ ಮೇಲೆ ಥಂಬ್ ತಗೊಂಡರಾಯಿತು ಅಂದುಕೊಂಡಿದ್ದಳು.

ಅಷ್ಟರಲ್ಲಿ ಇಲಾಖೆಯವರು ತಪಾಸಣೆಗೆ ಬಂದರು. ಯಂತ್ರದ ಲೆಕ್ಕಕ್ಕಿಂತ ದಾಸ್ತಾನು 1 ಕ್ವಿಂಟಲ್ 85 ಕೆಜಿ ಕಡಿಮೆ ಇತ್ತು. ಐದು ಕಾರ್ಡಿನದು 175 ಕೆಜಿ. ಉಳಿದ 10 ಕೆಜಿ ಚೀಲ ಹರಿದು ಸೋರಿದ್ದು. ಅವ್ವ ನೋಟ್‌ಬುಕ್ ತೋರಿಸಲು ಹೋದರೆ, ‘ಇದೆಲ್ಲಾ ಲೆಕ್ಕಕ್ಕ ಬರೂದಿಲ್ರಿ’ ಎಂದು ಪಂಚನಾಮೆಗೆ ಸಹಿ ಹಾಕಿಸಿಕೊಂಡು ಹೋದರು. ಹನ್ನೆರಡು ದಿನಕ್ಕೆ ಅಂಗಡಿ ರದ್ದಾದ ಆದೇಶ ಬಂತು. ಧಾನ್ಯವನ್ನು ಕಾಳಸಂತೆಯಲ್ಲಿ ಮಾರಿದ್ದಾರೆ ಎಂದು ಅದರಲ್ಲಿತ್ತು. ಆ ಒಂದು ಸಾಲು ಓದಿ ಅವ್ವ ಎರಡು ದಿನ ಊಟ ಮಾಡಲಿಲ್ಲ.

ನಮ್ಮ ಕಾರ್ಡುಗಳನ್ನೆಲ್ಲ ನಾಲ್ಕು ಕಿಲೋಮೀಟರ್ ದೂರದ ಊರಿನ ಅಂಗಡಿಗೆ ಜೋಡಿಸಿದರು. ರೇಷನ್ ತರಲು ಒಂದು ದಿನದ ಕೂಲಿ ಬಿಡಬೇಕಾಯಿತು. ಯಂತ್ರಕ್ಕೆ ಬೆರಳು ಹತ್ತದ ಆ ಮುದುಕರು ಅಲ್ಲಿಗೆ ಹೇಗೆ ಹೋಗಬೇಕು? ನನಗೆ ಇವತ್ತಿಗೂ ಸಿಟ್ಟು ಬರುವುದು ಇದಕ್ಕೇ.

ಮೊದಲ ಸಲ ಹೋದಾಗ ವಕೀಲರು ಕೇಳಿದ್ದು ಒಂದೇ ಮಾತು. ‘ರದ್ದು ಮಾಡೂಕಿಂತ ಮೊದಲ ನಿಮಗ ನೋಟಿಸ್ ಬಂದಿತ್ತೇನ್ರಿ?’ ಬಂದಿರಲಿಲ್ಲ. ಧಾನ್ಯ ಏನಾಯಿತು ಅಂತ ಅವರು ಕೇಳಲೇ ಇಲ್ಲ. ನನಗೆ ಬೇಜಾರಾಯಿತು. ಆಮೇಲೆ ಅವರೇ ಬಿಡಿಸಿ ಹೇಳಿದರು. 1955ರ ಅಗತ್ಯ ವಸ್ತುಗಳ ಕಾಯ್ದೆಯ ಕೆಳಗೆ ರಾಜ್ಯ ಸರ್ಕಾರ 2016ರಲ್ಲಿ ನಿಯಂತ್ರಣ ಆದೇಶ ಹೊರಡಿಸಿದೆ. ರೇಷನ್ ಅಂಗಡಿ ಕೊಡುವುದು, ರದ್ದು ಮಾಡುವುದು ಎಲ್ಲ ಅದರ ಪ್ರಕಾರವೇ. ರದ್ದು ಮಾಡುವ ಮೊದಲು ಕಾರಣ ಕೇಳಿ ನೋಟಿಸ್ ಕೊಡಬೇಕು, ಉತ್ತರ ಕೇಳಬೇಕು, ಆ ಉತ್ತರ ಯಾಕೆ ಒಪ್ಪಲಿಲ್ಲ ಅಂತ ಆದೇಶದಲ್ಲಿ ಬರೆಯಬೇಕು. ಇದ್ಯಾವುದೂ ಆಗಿಲ್ಲ ಅಂದರೆ ಸಂವಿಧಾನದ 226ನೇ ವಿಧಿಯಲ್ಲಿ ಆ ಆದೇಶವನ್ನು ಪ್ರಶ್ನಿಸಿ ನೇರವಾಗಿ ಹೈಕೋರ್ಟಿಗೆ ಅರ್ಜಿ ಹಾಕಬಹುದು, ಅದಕ್ಕೆ ರಿಟ್ ಅರ್ಜಿ ಅನ್ನುತ್ತಾರೆ.

ನಮ್ಮ ಕೇಸು ಊಟದ ಹೊತ್ತಿನ ನಂತರ ಬಂತು. ಏಳೆಂಟು ನಿಮಿಷ ನಡೆದಿರಬೇಕು, ಅಷ್ಟೇ. ಸರ್ಕಾರಿ ವಕೀಲರು, ‘ಇವರು ಮೊದಲು ಇಲಾಖೆಯಲ್ಲೇ ಮೇಲ್ಮನವಿ ಹಾಕಬೇಕಿತ್ತು’ ಎಂದರು. ಅಲ್ಲಿಗೆ ಎಲ್ಲ ಮುಗಿಯಿತು ಅಂತ ನನ್ನ ಎದೆ ಧಸಕ್ಕೆಂದಿತು. ನಮ್ಮ ವಕೀಲರು, ಅಹವಾಲನ್ನೇ ಕೇಳದೆ ಆದೇಶ ಮಾಡಿದ್ದರೆ ಮೇಲ್ಮನವಿಯ ದಾರಿ ಇದ್ದರೂ ಹೈಕೋರ್ಟ್ ಅರ್ಜಿ ತೆಗೆದುಕೊಳ್ಳಬಹುದು ಎಂದು 1998ರ ಸುಪ್ರೀಂ ಕೋರ್ಟ್ ತೀರ್ಪೊಂದನ್ನು ತೋರಿಸಿದರು. ನ್ಯಾಯಮೂರ್ತಿಗಳು ಕಡತದಲ್ಲಿ ನೋಟಿಸ್ ಎಲ್ಲಿದೆ ಎಂದು ಕೇಳಿದರು. ಸರ್ಕಾರಿ ವಕೀಲರು ಹಾಳೆ ತಿರುವಿದರು. ಮತ್ತೆ ತಿರುವಿದರು. ಕೊನೆಗೆ ಪಂಚನಾಮೆ ತೋರಿಸಿದರು. ಪಂಚನಾಮೆ ನೋಟಿಸ್ ಆಗುವುದಿಲ್ಲ ಎಂದು ನ್ಯಾಯಮೂರ್ತಿಗಳು ಆದೇಶ ಬರೆಸತೊಡಗಿದರು. ಅಂಗಡಿ ರದ್ದು ಮಾಡಿದ ಆದೇಶವೇ ರದ್ದು. ಬೇಕಿದ್ದರೆ ನೋಟಿಸ್ ಕೊಟ್ಟು, ಉತ್ತರ ಕೇಳಿ, ಹೊಸದಾಗಿ ತೀರ್ಮಾನ ಮಾಡಬಹುದು.

ಹೊರಗೆ ಬಂದ ಮೇಲೆ ಅವ್ವ ಕೇಳಿದಳು. ‘ನಾ ಕದ್ದಿಲ್ಲ ಅಂತ ಹೇಳಿದ್ರೇನು?’

‘ಇಲ್ಲವ್ವಾ. ನಿನ್ನ ಕೇಳಬೇಕಿತ್ತು ಅಂತ ಹೇಳ್ಯಾರ.’

ಅವಳು ಸುಮಾರು ಹೊತ್ತು ಮಾತಾಡಲಿಲ್ಲ. ಬಸ್ಸಿನಲ್ಲಿ ನೋಟ್‌ಬುಕ್ ತೆಗೆದು ಆ ಪುಟದ ಮೇಲೆ ಕೈಯಾಡಿಸಿದಳು. ಕೋರ್ಟಿನಲ್ಲಿ ಅದನ್ನು ಯಾರೂ ಕೇಳಿರಲೇ ಇಲ್ಲ.

ಮೂರು ವಾರದ ಮೇಲೆ ರಿಜಿಸ್ಟರ್ ಅಂಚೆಯಲ್ಲಿ ನೋಟಿಸ್ ಬಂತು. ಉತ್ತರ ಬರೆಯಲು ಕೂತಾಗ, ಯಂತ್ರದಲ್ಲಿ ಥಂಬ್ ತಗೊಳ್ಳದೆ ಧಾನ್ಯ ಕೊಟ್ಟ ವಿಷಯ ಜಾಸ್ತಿ ಬೆಳೆಸುವುದು ಬೇಡ ಎಂದು ನಾನೇ ಹೇಳಿದೆ. ಅದು ನಿಯಮಕ್ಕೆ ವಿರುದ್ಧ ಅಲ್ವಾ, ನಮಗೇ ತಿರುಗಬಹುದು ಎಂಬ ಭಯ ನನಗೆ. ಅವ್ವ ಒಪ್ಪಲಿಲ್ಲ.

‘ಈಗರ ಕೇಳ್ಯಾರ. ಇದ್ದದ್ದು ಇದ್ದಂಗ ಬರಿ’ ಎಂದಳು. ನೋಟ್‌ಬುಕ್ ಬಿಚ್ಚಿ, ಐದೂ ಹೆಸರು, ಐದೂ ತೂಕ ಒಂದೊಂದಾಗಿ ಓದಿ ಹೇಳತೊಡಗಿದಳು. ನಾನು ಬರೆದುಕೊಂಡೆ.