ಮಳೆ ಬಿಟ್ಟು ಬಾವಲಿಗಳ ಹಿಂದೆ ಯಾಕೆ ಬಿದ್ದಿರಿ?

“ಟಿವಿಯಲ್ಲಿ ಹವಾಮಾನ ಹೇಳುತ್ತಿದ್ದವರು ನೀವೇ ಅಲ್ಲವೇ ಮೇಡಂ? ಅಷ್ಟು ಒಳ್ಳೆಯ ಕೆಲಸ ಬಿಟ್ಟು ಈ ಕಾಡುಪ್ರಾಣಿಗಳ ಹಿಂದೆ ಯಾಕೆ ಬಿದ್ದಿರಿ?”

ಈ ಪ್ರಶ್ನೆಗೆ ಆರು ವರ್ಷಗಳಿಂದ ಬಾಯಿಮಾತಿನಲ್ಲಿ ಉತ್ತರಿಸಿ ಸಾಕಾಗಿದೆ. ವನ್ಯಜೀವಿಗಳ ಬಗ್ಗೆ ನನ್ನ ಭಾಷಣ ಮುಗಿದ ಮೇಲೆ ಸಭಿಕರು ಕೇಳುತ್ತಾರೆ, ಭಾಷಣಕ್ಕೆ ಮೊದಲೇ ಪರಿಚಯ ಮಾಡಿಕೊಡುವವರು ಕೇಳುತ್ತಾರೆ, ರೈಲಿನಲ್ಲಿ ಎದುರು ಕುಳಿತವರು ಕೇಳುತ್ತಾರೆ. ಒಮ್ಮೆ ದಂತವೈದ್ಯರೊಬ್ಬರು ನನ್ನ ಬಾಯೊಳಗೆ ಎರಡು ಉಪಕರಣಗಳನ್ನು ಇಟ್ಟುಕೊಂಡೇ ಕೇಳಿದರು. ಉತ್ತರ ಹೇಳಲಾಗದ ಸ್ಥಿತಿಯಲ್ಲಿ ನನ್ನನ್ನು ಇರಿಸಿ ಕೇಳಿದ ಅವರ ಮೇಲೆ ಮಾತ್ರ ನನಗೆ ಸಿಟ್ಟಿಲ್ಲ. ಉಳಿದವರಿಗೆ ಇನ್ನು ಮುಂದೆ ಈ ಬರಹವನ್ನು ಕೊಟ್ಟು ಸುಮ್ಮನಾಗುತ್ತೇನೆ.

ಮೊದಲು ‘ಅಷ್ಟು ಒಳ್ಳೆಯ ಕೆಲಸ’ ಎಂಬುದನ್ನು ನೋಡೋಣ. ಹವಾಮಾನ ನಿರೂಪಕಿಯ ಕೆಲಸವೆಂದರೆ ಖಾಲಿ ಹಸಿರು ಪರದೆಯ ಮುಂದೆ ನಿಂತು, ಅಲ್ಲಿ ಇಲ್ಲದ ನಕ್ಷೆಯ ಮೇಲೆ, ಪಕ್ಕದ ಮಾನಿಟರ್‌ನಲ್ಲಿ ಕಾಣುವ ನಮ್ಮದೇ ಪ್ರತಿಬಿಂಬವನ್ನು ಓರೆಗಣ್ಣಿನಿಂದ ನೋಡುತ್ತ, ವಾಯುಭಾರ ಕುಸಿತವಿರುವ ಕಡೆಗೆ ಸರಿಯಾಗಿ ಕೈ ತೋರಿಸುವುದು. ಹಸಿರು ಬಟ್ಟೆ ಉಡುವಂತಿಲ್ಲ. ಉಟ್ಟರೆ ಹೊಟ್ಟೆಯ ಮೇಲೆ ಮೋಡ ಹಾದುಹೋಗುತ್ತದೆ. ಹೇಳುವುದಕ್ಕೆ 90 ಸೆಕೆಂಡುಗಳಿರುತ್ತವೆ, ಕ್ರಿಕೆಟ್ ಪಂದ್ಯ ಲಂಬಿಸಿದ ದಿನ 40. ಹನ್ನೊಂದು ವರ್ಷ ಇದನ್ನು ಮಾಡಿದೆ, ಸಂತೋಷದಿಂದಲೇ ಮಾಡಿದೆ. ಸಂಬಳವೂ ಈಗಿನದಕ್ಕಿಂತ ಹೆಚ್ಚಿತ್ತು. ‘ಒಳ್ಳೆಯ ಕೆಲಸ’ ಎನ್ನುವವರ ಮನಸ್ಸಿನಲ್ಲಿ ಇರುವುದು ಅದೇ ಆಗಿದ್ದರೆ ನಮ್ಮ ನಡುವೆ ತಕರಾರಿಲ್ಲ, ಇಲ್ಲಿಗೇ ಓದು ನಿಲ್ಲಿಸಬಹುದು.

ತಕರಾರಿರುವುದು ‘ಬಿಟ್ಟು’ ಎಂಬ ಪದದ ಬಗ್ಗೆ. ಮಳೆ ಒಂದು ಇಲಾಖೆ, ಪ್ರಾಣಿಗಳು ಇನ್ನೊಂದು ಇಲಾಖೆ, ನಾನು ವರ್ಗಾವಣೆ ತೆಗೆದುಕೊಂಡು ಬಂದವಳು ಎಂಬಂತೆ ಕೇಳುತ್ತಾರೆ. ‘ಚಾತಕ ಪಕ್ಷಿಯಂತೆ ಕಾಯುವುದು’ ಎಂದು ದಿನಕ್ಕೆರಡು ಸಲ ಹೇಳುವ ಜನ, ಮಳೆಗೂ ಹಕ್ಕಿಗೂ ಏನು ಸಂಬಂಧವೆಂದು ನನ್ನನ್ನು ಕೇಳುವಾಗ ನನಗೆ ಉತ್ತರವೇ ಹೊಳೆಯುವುದಿಲ್ಲ.

ಈ ಇಬ್ಬಗೆ ಎಷ್ಟು ಹೊಸದೆಂದು ತಿಳಿಯಬೇಕಾದವರು ರಾಬರ್ಟ್ ಫಿಟ್ಜ್‌ರಾಯ್ ಅವರ ಜೀವನವನ್ನು ನೋಡಬೇಕು. 1831ರಿಂದ 1836ರವರೆಗೆ ಚಾರ್ಲ್ಸ್ ಡಾರ್ವಿನ್ನರನ್ನು ಭೂಮಿ ಸುತ್ತಿಸಿದ ಬೀಗಲ್ ಹಡಗಿನ ಕ್ಯಾಪ್ಟನ್ ಈತ. ಇದೇ ಮನುಷ್ಯ 1854ರಲ್ಲಿ ಬ್ರಿಟನ್ನಿನ ಹವಾಮಾನ ಇಲಾಖೆಯ ಮೊದಲ ಮುಖ್ಯಸ್ಥನಾದ, ಹಡಗುಗಳಿಗೆ ಬಿರುಗಾಳಿಯ ಎಚ್ಚರಿಕೆ ಕೊಡುವ ವ್ಯವಸ್ಥೆಯನ್ನು ಕಟ್ಟಿದ, 1861ರ ಆಗಸ್ಟ್ 1ರಂದು ಲಂಡನ್ನಿನ ಟೈಮ್ಸ್ ಪತ್ರಿಕೆಯಲ್ಲಿ ಸಾರ್ವಜನಿಕರಿಗಾಗಿ ಮೊದಲ ಹವಾಮಾನ ಮುನ್ಸೂಚನೆಯನ್ನು ಪ್ರಕಟಿಸಿದ. ಅಂದರೆ ನಮ್ಮ ವೃತ್ತಿಯ ಮೂಲಪುರುಷ ಮತ್ತು ಜೀವವಿಕಾಸದ ಚಿಂತನೆಯ ಮೂಲಪುರುಷ ಐದು ವರ್ಷ ಒಂದೇ ಮೇಜಿನಲ್ಲಿ ಊಟ ಮಾಡಿದವರು. ಕಥೆ ಅಷ್ಟು ನುಣುಪಾಗಿಲ್ಲ ಎಂಬುದನ್ನೂ ಹೇಳಿಬಿಡಬೇಕು: ಡಾರ್ವಿನ್ನರ ಸಿದ್ಧಾಂತ ಫಿಟ್ಜ್‌ರಾಯ್‌ಗೆ ಸಹಿಸಲಾಗಲಿಲ್ಲ, ಅದರ ಬಗ್ಗೆ ವಾಗ್ವಾದ ನಡೆದ 1860ರ ಆಕ್ಸ್‌ಫರ್ಡ್ ಸಭೆಯಲ್ಲಿ ಆತ ಬೈಬಲ್ ಎತ್ತಿಹಿಡಿದು ಪ್ರತಿಭಟಿಸಿದ. ಮುನ್ಸೂಚನೆ ತಪ್ಪಿದಾಗಲೆಲ್ಲ ಪತ್ರಿಕೆಗಳು ಆತನನ್ನು ಗೇಲಿ ಮಾಡಿದವು. ಈ ಕೊನೆಯ ವಿಷಯದಲ್ಲಿ ಮಾತ್ರ ನಾನು ಆತನ ನೇರ ವಾರಸುದಾರಳು.

ಇನ್ನು ನನ್ನ ಪ್ರಕರಣ. ಕೇಳುವವರಿಗೆ ಬೇಕಾಗಿರುವುದು ಒಂದು ಪರಿವರ್ತನೆಯ ದೃಶ್ಯ: ಗಾಯಗೊಂಡ ಜಿಂಕೆಮರಿಯ ಕಣ್ಣುಗಳು, ನನ್ನ ಕಣ್ಣೀರು, ಮರುದಿನ ರಾಜೀನಾಮೆ. ಹಾಗೇನೂ ಆಗಲಿಲ್ಲ. ಆದದ್ದು ಇಷ್ಟು: ಒಂದು ಸಂಜೆ ನಾನು ಬಾವಲಿಗಳನ್ನು ಮಳೆಯೆಂದು ಓದಿಬಿಟ್ಟೆ.

ಹವಾಮಾನ ರೇಡಾರ್ ಕೆಲಸ ಮಾಡುವ ಬಗೆ ಸರಳವಾದುದು. ಅದು ಸೂಕ್ಷ್ಮತರಂಗಗಳನ್ನು ಆಕಾಶಕ್ಕೆ ಕಳುಹಿಸುತ್ತದೆ, ಮಳೆಹನಿಗಳಿಗೆ ತಾಗಿ ಮರಳಿ ಬಂದದ್ದನ್ನು ಅಳೆಯುತ್ತದೆ. ಆದರೆ ಆ ತರಂಗಕ್ಕೆ ಹನಿಯೇ ಬೇಕೆಂದಿಲ್ಲ. ಮೈತುಂಬ ನೀರಿರುವ ಹಕ್ಕಿ, ಬಾವಲಿ, ಕೀಟಗಳ ಹಿಂಡಿಗೆ ತಾಗಿಯೂ ಅದು ಮರಳುತ್ತದೆ. ಎರಡನೆಯ ಮಹಾಯುದ್ಧದ ಕಾಲದಲ್ಲಿ ಬ್ರಿಟಿಷ್ ರೇಡಾರ್ ಸಿಬ್ಬಂದಿಗೆ ವಿಮಾನವೂ ಅಲ್ಲದ ಮೋಡವೂ ಅಲ್ಲದ ಗುರುತುಗಳು ಕಂಡಾಗ ಅವರು ಅವನ್ನು ‘ದೇವದೂತರು’ ಎಂದು ಕರೆದಿದ್ದರು. ಸೈನ್ಯದ ರೇಡಾರ್ ವಿಭಾಗದಲ್ಲಿದ್ದ ಪಕ್ಷಿತಜ್ಞ ಡೇವಿಡ್ ಲ್ಯಾಕ್ ಅವು ಹಕ್ಕಿಗಳೆಂದು ಹೇಳಿದಾಗ ಒಪ್ಪಿಸುವುದು ಸುಲಭವಾಗಲಿಲ್ಲ. ಲಕ್ಷಾಂತರ ರೂಪಾಯಿಯ ಯಂತ್ರ ನೋಡುತ್ತಿರುವುದು ಗುಬ್ಬಚ್ಚಿಯನ್ನು ಎಂದರೆ ಯಾವ ಅಧಿಕಾರಿ ತಾನೇ ಒಪ್ಪುತ್ತಾನೆ? ದೊಡ್ಡ ವಸತಿಮರಗಳಿಂದ ಹಕ್ಕಿಗಳು ಮುಂಜಾನೆಯಲ್ಲಿ, ಬಾವಲಿಗಳು ಮುಸ್ಸಂಜೆಯಲ್ಲಿ ನಾಲ್ಕೂ ದಿಕ್ಕಿಗೆ ಏಳುವಾಗ ರೇಡಾರ್ ಚಿತ್ರದಲ್ಲಿ ಒಂದು ಉಂಗುರ ಅರಳಿ ದೊಡ್ಡದಾಗುತ್ತ ಹೋಗುತ್ತದೆ.

ನಮ್ಮ ಸ್ಟುಡಿಯೋದಲ್ಲಿ ಅದಕ್ಕೆ ಇದ್ದ ಹೆಸರು ‘ಕಸ’. ಬುಲೆಟಿನ್‌ಗೆ ಮೊದಲು ಗ್ರಾಫಿಕ್ಸ್ ವಿಭಾಗದವರು ಕಸ ತೆಗೆಯುತ್ತಿದ್ದರು, ಇಲ್ಲದಿದ್ದರೆ ನೋಡುಗರು ಗೊಂದಲಕ್ಕೊಳಗಾಗುತ್ತಾರೆಂಬ ಸರಿಯಾದ ಕಾರಣಕ್ಕೇ ತೆಗೆಯುತ್ತಿದ್ದರು. ಆ ಸಂಜೆ ತೆಗೆಯಲು ಸಮಯ ಸಾಲಲಿಲ್ಲ. ನಾನು ನೇರ ಪ್ರಸಾರದಲ್ಲಿ, ನಗುಮುಖದಿಂದ, ಆ ಉಂಗುರದ ಮೇಲೆ ಕೈಯಾಡಿಸಿ, “ಈ ಭಾಗದಲ್ಲಿ ಈಗಾಗಲೇ ತುಂತುರು ಆರಂಭವಾಗಿದ್ದು, ರಾತ್ರಿಯ ಹೊತ್ತಿಗೆ ಸುತ್ತಲೂ ಹರಡುವ ಸಂಭವವಿದೆ” ಎಂದೆ. ಹರಡಿತೇನೋ ನಿಜ. ಮರುದಿನ ಬೆಳಿಗ್ಗೆ ಬಂದ ಕರೆಗಳಲ್ಲಿ ಹೆಚ್ಚಿನವು ನಿತ್ಯದ ಬೈಗುಳಗಳೇ, ಒಬ್ಬ ಹಿರಿಯರು ಮಾತ್ರ ಬಹಳ ತಾಳ್ಮೆಯಿಂದ, “ನೋಡಮ್ಮಾ, ಅದು ಮಳೆಯಲ್ಲ. ನಮ್ಮ ಮರದ ಬಾವಲಿಗಳು ಮೇವಿಗೆ ಹೊರಟಿದ್ದು. ದಿನಾ ಹೊರಡುತ್ತವೆ. ನೀನು ನಿನ್ನೆ ನೋಡಿದೆ, ಅಷ್ಟೇ” ಎಂದರು.

ನಾನು ಆ ಮರವನ್ನು ನೋಡಲು ಹೋದೆ. ಬೋಧಿವೃಕ್ಷದ ಪ್ರಸಂಗವನ್ನು ನಿರೀಕ್ಷಿಸುವವರಿಗೆ ತಿಳಿಸುವುದೇನೆಂದರೆ, ಮರವೇನೋ ಇತ್ತು, ಜ್ಞಾನೋದಯ ಆಗಲಿಲ್ಲ, ಹೆಗಲ ಮೇಲೆ ಹಿಕ್ಕೆ ಬಿತ್ತು. ನಾತ ಎರಡು ದಿನ ಹೋಗಲಿಲ್ಲ. ತಲೆಕೆಳಗಾಗಿ ನೇತುಬಿದ್ದ ಸಾವಿರಾರು ಪ್ರಾಣಿಗಳು ಸೆಕೆಗೆ ರೆಕ್ಕೆಗಳನ್ನೇ ಬೀಸಣಿಗೆ ಮಾಡಿಕೊಂಡು ಗಾಳಿ ಹಾಕಿಕೊಳ್ಳುತ್ತಿದ್ದವು. ಕತ್ತಲಾಗುತ್ತಿದ್ದಂತೆ ಎದ್ದವು. ನಾನು ಸ್ಟುಡಿಯೋಗೆ ಮರಳಿ, ಮರುದಿನದಿಂದ ಎಂದಿನಂತೆ ಕಸ ತೆಗೆಸಿದ ಚಿತ್ರದ ಮುಂದೆ ನಿಂತು ಹವಾಮಾನ ಹೇಳಿದೆ. ನಾಲ್ಕು ವರ್ಷ ಹೇಳಿದೆ. ಇದನ್ನು ಯಾವ ಸಂದರ್ಶನದಲ್ಲಿಯೂ ಹೇಳಿಲ್ಲ, ಏಕೆಂದರೆ ಯಾರೂ ಕೇಳಿಲ್ಲ: ತಿಳಿಯದೆ ಅಳಿಸಿದ ಏಳು ವರ್ಷಗಳಲ್ಲ, ತಿಳಿದೂ ಅಳಿಸಿದ ಆ ನಾಲ್ಕು ವರ್ಷಗಳೇ ನನ್ನನ್ನು ಅಲ್ಲಿಂದ ಎಬ್ಬಿಸಿದ್ದು.

ನಾವು ಅಳಿಸುತ್ತಿದ್ದುದು ತೆರೆಯ ಮೇಲಿನ ಚಿತ್ರವನ್ನು ಮಾತ್ರ, ರೇಡಾರ್‌ನ ಮೂಲ ದತ್ತಾಂಶವನ್ನಲ್ಲ. ಅದಕ್ಕೆ ನಮಗೆ ಅಧಿಕಾರವೂ ಇರಲಿಲ್ಲ. ಮೂಲವನ್ನು ಉಳಿಸಿಕೊಂಡವರು ಅದರಿಂದ ಏನು ಕಂಡುಕೊಂಡರೆಂಬುದು 2019ರಲ್ಲಿ ತಿಳಿಯಿತು. 1970ರಿಂದೀಚೆಗೆ ಅಮೆರಿಕ ಮತ್ತು ಕೆನಡಾಗಳಲ್ಲಿ ಒಟ್ಟು ಹಕ್ಕಿಗಳ ಸಂಖ್ಯೆ ಸುಮಾರು 300 ಕೋಟಿಯಷ್ಟು ಕುಸಿದಿದೆ ಎಂದು ಆ ವರ್ಷ ಪ್ರಕಟವಾದ ಅಧ್ಯಯನ ಲೆಕ್ಕ ಹಾಕಿತು. ಅದರ ಲೆಕ್ಕದ ಬಹುಭಾಗ ನೆಲದ ಮೇಲೆ ನಿಂತು ಎಣಿಸಿದ ಗಣತಿಗಳದು. ಆದರೆ ಅದಕ್ಕೆ ಪ್ರತ್ಯೇಕ ಸಾಕ್ಷಿಯಾಗಿ ನಿಂತದ್ದು ಅಮೆರಿಕದ ಹವಾಮಾನ ರೇಡಾರ್ ಜಾಲದ ಕಸ. ವಸಂತದ ರಾತ್ರಿಗಳಲ್ಲಿ ವಲಸೆ ಹೋಗುವ ಹಕ್ಕಿಗಳ ಒಟ್ಟು ರಾಶಿ 2007ರಿಂದ 2017ರೊಳಗೆ ಸುಮಾರು ಶೇಕಡ 14ರಷ್ಟು ಇಳಿದಿರುವುದನ್ನು ಆ ಕಸವೇ ತೋರಿಸಿತು. ಆ ಲೇಖನವನ್ನು ನಾನು ಮೇಕಪ್ ಕೋಣೆಯಲ್ಲಿ ಕುಳಿತು ಓದಿದೆ. ಅಂದು ಬುಲೆಟಿನ್‌ನಲ್ಲಿ ಏನು ಹೇಳಿದೆನೋ ನೆನಪಿಲ್ಲ, ಪ್ರಾಯಶಃ ‘ಒಣಹವೆ’.

‘ಒಣಹವೆ’ಯಲ್ಲಿ ತಪ್ಪಿಲ್ಲ. ‘ಹಿತಕರ ಹವೆ’, ‘ಉತ್ತಮ ಹವಾಮಾನ’ ಎಂದು ಹೇಳುತ್ತಿದ್ದೆನಲ್ಲ, ಅದು ಯಾರಿಗೆ ಹಿತ, ಯಾರಿಗೆ ಉತ್ತಮ ಎಂದು ಹನ್ನೊಂದು ವರ್ಷಗಳಲ್ಲಿ ಒಬ್ಬರೂ ಕೇಳಲಿಲ್ಲ. ಈ ಪ್ರಶ್ನೆ ಕೇಳಿದರೆ ನಾನು ಎಷ್ಟು ಹೊತ್ತು ಬೇಕಾದರೂ ಉತ್ತರಿಸುತ್ತೇನೆ, ದಂತವೈದ್ಯರ ಕುರ್ಚಿಯಲ್ಲಿದ್ದರೂ.

2015ರ ಮೇ ತಿಂಗಳಲ್ಲಿ ಕಝಾಕಿಸ್ತಾನದ ಹುಲ್ಲುಬಯಲಿನಲ್ಲಿ ಸೈಗಾ ಎಂಬ ಹುಲ್ಲೆಗಳು ಮರಿ ಹಾಕಲು ಗುಂಪುಗೂಡಿದ್ದವು. ಆ ದಿನಗಳು ಅಲ್ಲಿನ ರೂಢಿಗಿಂತ ಬೆಚ್ಚಗಿದ್ದವು, ಗಾಳಿಯಲ್ಲಿ ತೇವಾಂಶ ಹೆಚ್ಚಿತ್ತು. ನಾನಾಗಿದ್ದರೆ ನಕ್ಷೆಯ ಮೇಲೆ ಅರ್ಧ ಸೂರ್ಯ, ಅರ್ಧ ಮೋಡದ ಚಿತ್ರ ಹಾಕಿ ಮುಂದಿನ ಊರಿಗೆ ಹೋಗುತ್ತಿದ್ದೆ. ಮೂರು ವಾರಗಳಲ್ಲಿ ಎರಡು ಲಕ್ಷಕ್ಕೂ ಹೆಚ್ಚು ಸೈಗಾಗಳು, ಅಂದರೆ ಆಗ ಭೂಮಿಯ ಮೇಲಿದ್ದ ಒಟ್ಟು ಸೈಗಾಗಳಲ್ಲಿ ಅರ್ಧಕ್ಕಿಂತ ಹೆಚ್ಚು, ತಾಯಿ ಮರಿಗಳೆಂಬ ಭೇದವಿಲ್ಲದೆ ಬಿದ್ದು ಸತ್ತವು. ಕೊಂದದ್ದು ಪಾಸ್ಚರೆಲ್ಲಾ ಎಂಬ ಬ್ಯಾಕ್ಟೀರಿಯಾ, ದನಗಳಿಗೆ ಗಂಟಲು ಬೇನೆ ತರುವ ಜಾತಿಯದೇ. ಮಾಮೂಲಿ ದಿನಗಳಲ್ಲಿ ಅದು ಸೈಗಾಗಳ ಮೈಯಲ್ಲೇ ತೆಪ್ಪಗೆ ಇರುವಂಥದ್ದು. ಅದನ್ನು ಕೆರಳಿಸಿದ್ದರಲ್ಲಿ ಆ ಅಕಾಲದ ಸೆಕೆ ಮತ್ತು ತೇವಾಂಶದ ಪಾಲಿತ್ತೆಂದು ಆಮೇಲೆ ಸಂಶೋಧಕರು ತೋರಿಸಿದರು.

ಆಸ್ಟ್ರೇಲಿಯಾದ ದೊಡ್ಡ ಬಾವಲಿಗಳಿಗೆ 42 ಡಿಗ್ರಿ ಸೆಲ್ಸಿಯಸ್ ಎಂಬುದು ಒಂದು ಗೆರೆ. ಅದನ್ನು ದಾಟಿದರೆ ಅವು ಮೊದಲು ರೆಕ್ಕೆ ಬೀಸುತ್ತವೆ, ಮೈಯನ್ನು ಜೊಲ್ಲಿನಿಂದ ಒದ್ದೆ ಮಾಡಿಕೊಳ್ಳುತ್ತವೆ, ಏದುಸಿರು ಬಿಡುತ್ತವೆ, ಕೊನೆಗೆ ಉದುರುತ್ತವೆ. 2018ರ ನವೆಂಬರ್‌ನಲ್ಲಿ ಕೇರ್ನ್ಸ್ ನಗರದ ಸುತ್ತ ಎರಡೇ ದಿನಗಳಲ್ಲಿ ಸುಮಾರು 23,000 ಕನ್ನಡಕದ ಬಾವಲಿಗಳು ಸತ್ತವು; ಆ ದೇಶದಲ್ಲಿದ್ದ ಆ ಜಾತಿಯ ಮೂರನೆಯ ಒಂದು ಭಾಗ. ಈಗ ಅಲ್ಲಿ ಬಾವಲಿಗಳಿಗೆಂದೇ ಶಾಖದ ಮುನ್ಸೂಚನೆ ಸಿದ್ಧಪಡಿಸುತ್ತಾರೆ, ಯಾವ ವಸತಿಮರಗಳ ಬಳಿ ಯಾವ ದಿನ ಗೆರೆ ದಾಟಬಹುದೆಂದು ಮೊದಲೇ ತಿಳಿಸುತ್ತಾರೆ, ರಕ್ಷಣಾ ಕಾರ್ಯಕರ್ತರು ಸಿದ್ಧರಾಗುತ್ತಾರೆ. ಬಾವಲಿಗಳಿಗೆ ಹವಾಮಾನ ವರದಿ! ಇದನ್ನು ಓದಿದ ದಿನ ನನಗೆ ಹೊಟ್ಟೆಕಿಚ್ಚಾಯಿತು. ನಾನು ಮಾಡುತ್ತಿದ್ದುದೂ ಅದೇ ಕೆಲಸ, ಆದರೆ ಕೇಳುವವರಲ್ಲಿ ಹೆಚ್ಚಿನವರಿಗೆ ಅದರಿಂದ ಆಗಬೇಕಾದದ್ದು ಕೊಡೆ ತೆಗೆದುಕೊಳ್ಳಬೇಕೋ ಬೇಡವೋ ಎಂಬುದು ಮಾತ್ರ.

ಇಷ್ಟು ಹೇಳಿದ ಮೇಲೆ ಬರುವ ಮುಂದಿನ ಪ್ರಶ್ನೆ ನನಗೆ ಗೊತ್ತು: “ನೀವು ಪ್ರಾಣಿಶಾಸ್ತ್ರ ಓದಿದ್ದೀರಾ?” ಇಲ್ಲ. ಹವಾಮಾನಶಾಸ್ತ್ರವನ್ನೂ ಓದಿರಲಿಲ್ಲ, ಆಗ ಯಾರೂ ಕೇಳಲಿಲ್ಲ, ಸೀರೆ ಎಲ್ಲಿ ಕೊಂಡಿರೆಂದು ಕೇಳಿದರು. ವಿಜ್ಞಾನಿಗಳು ಕಂಡುಕೊಂಡದ್ದನ್ನು ತಪ್ಪಿಲ್ಲದೆ, ಉತ್ಪ್ರೇಕ್ಷೆಯಿಲ್ಲದೆ, ಕೇಳುವವರು ಎದ್ದುಹೋಗುವ ಮೊದಲು ಹೇಳಿ ಮುಗಿಸುವುದು ಆಗಲೂ ನನ್ನ ಕೆಲಸ, ಈಗಲೂ ಅದೇ. ಮಳೆ ಬರುವ ಸಂಭವ ಶೇಕಡ 70 ಎಂದರೆ, ಬಾರದಿರುವ ಸಂಭವ ಶೇಕಡ 30 ಇದೆಯೆಂದೇ ಅರ್ಥ ಎಂಬುದನ್ನು ಸಾವಿರಾರು ಬೈಗುಳಗಳ ನಡುವೆ ವಿವರಿಸಿ ಪಳಗಿದವಳಿಗೆ, ಒಂದು ಜೀವಿಯ ಭವಿಷ್ಯದ ಬಗ್ಗೆ ಅನಿಶ್ಚಿತವಾದದ್ದನ್ನು ಅನಿಶ್ಚಿತವಾಗಿಯೇ ಹೇಳುವುದು ಕಷ್ಟವಲ್ಲ. ಸಭಿಕರಿಗೆ ಬೇಕಾಗಿರುವುದು ತಾರೀಖು: “ಯಾವ ವರ್ಷದೊಳಗೆ ಅಳಿದುಹೋಗುತ್ತದೆ ಮೇಡಂ?” ನಾನು ತಾರೀಖು ಕೊಡುವುದಿಲ್ಲ, ಸೈಗಾಗಳ ಮುಂದಿನ ಕಥೆಯನ್ನು ಹೇಳುತ್ತೇನೆ. 2015ರಲ್ಲಿ ಅವುಗಳ ಕಥೆ ಮುಗಿಯಿತೆಂದು ನಂಬಿದವರು ಬಹಳ ಜನ. ಕಳ್ಳಬೇಟೆಯನ್ನು ಬಿಗಿಯಾಗಿ ತಡೆದದ್ದರಿಂದ, ಅವಳಿ ಮರಿ ಹಾಕುವ ಅವುಗಳ ಸ್ವಭಾವದಿಂದ, 2022ರ ಹೊತ್ತಿಗೆ ಕಝಾಕಿಸ್ತಾನದಲ್ಲಿ 13 ಲಕ್ಷ ದಾಟಿದವು. ಅಳಿವಿನ ಅಪಾಯದಲ್ಲಿರುವ ಜೀವಿಗಳ ಪಟ್ಟಿ ಮಾಡುವ ಅಂತರರಾಷ್ಟ್ರೀಯ ಸಂಸ್ಥೆ ಐಯುಸಿಎನ್ 2023ರ ಡಿಸೆಂಬರ್‌ನಲ್ಲಿ ಅವನ್ನು ತೀವ್ರ ಅಪಾಯದ ಹಂತದಿಂದ ಅಪಾಯ ಬಹಳ ಕಡಿಮೆಯಿರುವ ಹಂತಕ್ಕೆ ಇಳಿಸಿತು. ಮುನ್ಸೂಚನೆ ಸುಳ್ಳಾದಾಗ ಬೈಸಿಕೊಳ್ಳದೆ ಸಂತೋಷಪಡಬಹುದಾದ ಸಂದರ್ಭ ನನ್ನ ಹಳೆಯ ವೃತ್ತಿಯಲ್ಲಿ ಒಂದು ಸಲವೂ ಸಿಕ್ಕಿರಲಿಲ್ಲ.

ಉಳಿದದ್ದನ್ನು ಬೇಗ ಹೇಳಿಬಿಡುತ್ತೇನೆ. ಈ ಕೆಲಸದಲ್ಲಿ ಕಾಡಿಗಿಂತ ಸಭಾಂಗಣಗಳೇ ಹೆಚ್ಚು. ಬಾವಲಿ ರೋಗ ತರುತ್ತದೆಂದು ಮರ ಕಡಿಯಲು ಹೊರಟವರೊಡನೆ ಮಾತು, ವಲಸೆಯ ರಾತ್ರಿಗಳಲ್ಲಿ ಎತ್ತರದ ಕಟ್ಟಡಗಳ ದೀಪ ಆರಿಸಿರೆಂದು ಮನವಿ, ವಿದ್ಯುತ್ ತಂತಿಗಳಿಗೆ ಹಕ್ಕಿಗಳ ಕಣ್ಣಿಗೆ ಕಾಣುವ ಬಿಲ್ಲೆಗಳನ್ನು ತೂಗುಹಾಕಿರೆಂದು ಅರ್ಜಿ. ಸಿಂಹದ ಮರಿಯನ್ನು ತೊಡೆಯ ಮೇಲೆ ಕೂರಿಸಿಕೊಂಡ ಭಾವಚಿತ್ರ ನನ್ನ ಬಳಿ ಇಲ್ಲ, ಇರಕೂಡದು. ‘ಹಿಂದೆ ಬಿದ್ದಿರಿ’ ಎನ್ನುವವರು ಇದನ್ನು ಗಮನಿಸಬೇಕು: ನಾನು ಯಾವ ಪ್ರಾಣಿಯ ಹಿಂದೆಯೂ ಬಿದ್ದಿಲ್ಲ, ಅವುಗಳ ಪಾಡಿಗೆ ಅವನ್ನು ಬಿಡಬೇಕೆಂದು ಮನುಷ್ಯರ ಹಿಂದೆ ಬಿದ್ದಿದ್ದೇನೆ.

ನಾಳೆ ಮಳೆ ಬರುತ್ತದೆಯೇ ಎಂದು ಈಗಲೂ ಕೇಳುತ್ತಾರೆ. ಅದಕ್ಕೆ ಬೇಸರವಿಲ್ಲ, ನೋಡಿ ಹೇಳುತ್ತೇನೆ.

ಹಳೆಯ ಸ್ಟುಡಿಯೋದಲ್ಲಿ ಗ್ರಾಫಿಕ್ಸ್ ನೋಡಿಕೊಳ್ಳುತ್ತಿದ್ದ ಹುಡುಗ ಇನ್ನೂ ಅಲ್ಲಿಯೇ ಇದ್ದಾನೆ, ಕಸ ತೆಗೆಯುವುದು ಈಗಲೂ ಅವನ ಕೆಲಸ. ತೆಗೆಯುವ ಮೊದಲು ರೇಡಾರ್ ಚಿತ್ರದ ಒಂದು ಪ್ರತಿಯನ್ನು ನನಗೆ ಕಳುಹಿಸುತ್ತಾನೆ. ನಿನ್ನೆ ಸಂಜೆಯದು ಬಂದದ್ದು 6 ಗಂಟೆ 41 ನಿಮಿಷಕ್ಕೆ, ಕೆಳಗೆ ಒಂದೇ ಸಾಲು: “ಅಕ್ಕಾ, ನಿಮ್ಮವರು ಹೊರಟರು.” ಉಂಗುರ ಕಳೆದ ತಿಂಗಳಿಗಿಂತ ತೆಳ್ಳಗಿದೆ. ಗಾಳಿಯ ಕಾರಣವೋ, ಮರದಲ್ಲೇ ಏನಾದರೂ ಆಗಿದೆಯೋ ನೋಡಿಬರಬೇಕು.